ಮೊಂತಿ ಹಬ್ಬದ ಊಟ: ಒಂದೇ ಪಾತ್ರೆಯ ಪಾಠ

ಸೆಪ್ಟೆಂಬರ್ 8 ದೇವಮಾತೆ ಕನ್ಯಾ ಮರಿಯಮ್ಮನವರ ಜನನದ ಹಬ್ಬ. ಬೆಂಗಳೂರಿನ ಶಿವಾಜಿನಗರದ ಸಂತ ಮರಿಯಮ್ಮನವರ ಬಸಿಲಿಕದಲ್ಲಿ ಆರೋಗ್ಯ ಮಾತೆಯ ಹಬ್ಬವೂ ಅಂದೇ. ಕರಾವಳಿಯ ಕೊಂಕಣಿ ಕ್ರೈಸ್ತ ಕುಟುಂಬಗಳಿಗೂ, ಅಲ್ಲಿಂದ ಘಟ್ಟ ಹತ್ತಿ ಚಿಕ್ಕಮಗಳೂರು, ಕೊಡಗು, ಶಿವಮೊಗ್ಗದ ಕಡೆ ನೆಲೆಸಿದವರಿಗೂ ಅದು ಮೊಂತಿ ಹಬ್ಬ, ತೆನೆ ಹಬ್ಬ. ಆಗಸ್ಟ್ 30ರಿಂದ ಒಂಬತ್ತು ದಿನ ನವೇನ. ಮಕ್ಕಳು ಬುಟ್ಟಿ ತುಂಬ ಹೂ ತಂದು ಬಾಲೆ ಮರಿಯಮ್ಮನವರಿಗೆ ಅರ್ಪಿಸುತ್ತಾರೆ. ಹಬ್ಬದ ದಿನ ಗುರುಗಳು ಹೊಸ ಭತ್ತದ ತೆನೆಗಳನ್ನು ಆಶೀರ್ವದಿಸುತ್ತಾರೆ. ಬಲಿಪೂಜೆ ಮುಗಿದ ಮೇಲೆ ಮನೆಮನೆಗೆ ತೆನೆ, ಮಕ್ಕಳ ಕೈಗೆ ಕಬ್ಬು.

ಇದೆಲ್ಲ ನಮಗೆ ಗೊತ್ತಿರುವುದೇ. ಈ ವಾರ ನಾವು ದೇವಾಲಯದಿಂದ ಹೊರಟು ನೇರವಾಗಿ ಅಡುಗೆ ಮನೆಗೆ ಹೋಗೋಣ. ಏಕೆಂದರೆ ಈ ಹಬ್ಬದ ಅರ್ಧ ಭಾಗ ನಡೆಯುವುದು ಅಲ್ಲಿ. ಆ ಅರ್ಧ ಭಾಗವೇ ಈಗ ಮೆಲ್ಲನೆ ನಮ್ಮ ಕೈ ತಪ್ಪುತ್ತಿದೆ.

ಮೊದಲ ಫಲ

ಮರಿಯಮ್ಮನವರ ಜನನದ ವಿಷಯ ಶುಭಸಂದೇಶಗಳಲ್ಲಿ ಇಲ್ಲ. ಅವರ ತಂದೆತಾಯಿಯರಾದ ಜೋಕಿಂ ಮತ್ತು ಅನ್ನಮ್ಮನವರ ಹೆಸರು ಬಂದಿರುವುದು ಪುರಾತನ ಪರಂಪರೆಯಿಂದ. ಆದರೂ ಪೂರ್ವದೇಶದ ಧರ್ಮಸಭೆ ಈ ಹಬ್ಬವನ್ನು ಬಹು ಹಿಂದಿನಿಂದ ಆಚರಿಸುತ್ತಿತ್ತು. 7ನೆಯ ಶತಮಾನದ ಕೊನೆಗೆ ಪೋಪ್ ಒಂದನೆಯ ಸೆರ್ಜಿಯುಸರ ಕಾಲದಲ್ಲಿ ಅದು ರೋಮಿನಲ್ಲೂ ಮೆರವಣಿಗೆಯೊಂದಿಗೆ ನಡೆಯುತ್ತಿತ್ತು. 'ಮೊಂತಿ' ಎಂಬ ಹೆಸರು ಮಾತ್ರ ನಮ್ಮ ಕಡೆಯದು. ಪೋರ್ಚುಗೀಸ್ ಭಾಷೆಯಲ್ಲಿ 'ಮೊಂತೆ' ಎಂದರೆ ಬೆಟ್ಟ. ನೇತ್ರಾವತಿ ದಡದ ಫರಂಗಿಪೇಟೆಯ ಮೊಂತೆ ಮರಿಯಾನೊ, ಅಂದರೆ ಮರಿಯಮ್ಮನವರ ಬೆಟ್ಟ, ಈ ಹೆಸರಿನ ಮೂಲವೆಂದು ಹಿರಿಯರು ಹೇಳುತ್ತಾರೆ.

ಹೊಸ ಬೆಳೆಯನ್ನು ಮೊದಲು ದೇವರ ಮುಂದಿಡುವ ಪದ್ಧತಿ ಇನ್ನೂ ಹಳೆಯದು. ಧರ್ಮೋಪದೇಶಕಾಂಡದ 26ನೆಯ ಅಧ್ಯಾಯವನ್ನು ಒಮ್ಮೆ ತೆರೆದು ನೋಡಿ. ಇಸ್ರಯೇಲಿನ ರೈತನು ಮೊದಲ ಫಲವನ್ನು ಬುಟ್ಟಿಯಲ್ಲಿ ತಂದಾಗ ಬುಟ್ಟಿಯನ್ನು ಸುಮ್ಮನೆ ಕೆಳಗಿಟ್ಟು ಹೋಗುವಂತಿರಲಿಲ್ಲ. ತನ್ನ ಪೂರ್ವಜನು ಅಲೆಮಾರಿಯಾಗಿದ್ದುದು, ಈಜಿಪ್ಟಿನಲ್ಲಿ ಗುಲಾಮಗಿರಿ ಕಂಡುದು, ದೇವರು ಬಿಡಿಸಿದ್ದು ಎಲ್ಲವನ್ನೂ ಬಾಯಿಬಿಟ್ಟು ಹೇಳಬೇಕಿತ್ತು. ಬಳಿಕ ಲೇವಿಯನನ್ನೂ ಪರದೇಶಿಯನ್ನೂ ಜೊತೆಗೆ ಸೇರಿಸಿಕೊಂಡು ಸಂತೋಷಪಡಬೇಕಿತ್ತು. ಬೆಳೆ, ಕುಟುಂಬದ ಕಥೆ, ಹಂಚಿ ತಿನ್ನುವ ಊಟ: ಈ ಮೂರೂ ಅಲ್ಲಿ ಒಂದೇ ಕಾರ್ಯ.

ನಮ್ಮ ಮನೆಗಳಲ್ಲೂ ಹಾಗೆಯೇ. ಪೂಜೆಯಿಂದ ತಂದ ತೆನೆಯನ್ನು ದೇವರ ಪೀಠದ ಮುಂದಿಟ್ಟು ಪ್ರಾರ್ಥಿಸುತ್ತೇವೆ. ಮನೆಯ ಹಿರಿಯರು ಕೆಲವು ಕಾಳು ಬಿಡಿಸಿ, ಸಿಪ್ಪೆ ತೆಗೆದು, ಪುಡಿಮಾಡಿ ಹಾಲಿಗೋ ತೆಂಗಿನ ಹಾಲಿಗೋ ಪಾಯಸಕ್ಕೋ ಬೆರೆಸುತ್ತಾರೆ. ಎಲ್ಲರೂ ಅದನ್ನು ಒಂದೊಂದು ಗುಟುಕು ಸೇವಿಸಿದ ಮೇಲೆಯೇ ಬಾಳೆ ಎಲೆ ಹಾಕುವುದು.

ಎಲೆಯ ಮೇಲೆ ಏನಿದೆ?

ವರ್ಷದ ಇತರ ಹಬ್ಬಗಳಲ್ಲಿ ಮಾಂಸವಿಲ್ಲದೆ ನಮ್ಮ ಊಟ ನಡೆಯುವುದು ಅಪರೂಪ. ಈ ದಿನ ಮಾತ್ರ ಮೀನೂ ಇಲ್ಲ, ಮಾಂಸವೂ ಇಲ್ಲ. ತೊಂಡೆ, ಬೆಂಡೆ, ಹೀರೆ, ಸೌತೆ, ಕೆಸು, ಹರಿವೆ, ಅಂಬಟೆ. ಇವೆಲ್ಲ ಮಳೆಗಾಲ ಮುಗಿಯುವ ಹೊತ್ತಿಗೆ ಹಿತ್ತಿಲಲ್ಲೂ ಗದ್ದೆಯ ಬದುವಿನಲ್ಲೂ ಸಿಗುವಂಥವು. ಪದಾರ್ಥಗಳ ಸಂಖ್ಯೆ ಮೂರು, ಐದು, ಏಳು, ಒಂಬತ್ತು ಹೀಗೆ ಬೆಸವಾಗಿರಬೇಕೆಂಬುದು ರೂಢಿ. ಲೆಕ್ಕ ತಪ್ಪಿದರೆ ಅಪಶಕುನವೆಂದು ಯಾರೂ ಅಂಜಬೇಕಾಗಿಲ್ಲ. ಅದು ನಂಬಿಕೆಯ ವಿಷಯವಲ್ಲ, ಮನೆಯ ಶಿಸ್ತು ಅಷ್ಟೇ. ಬಡವನು ಮೂರು ಮಾಡುತ್ತಾನೆ, ಉಳ್ಳವನು ಒಂಬತ್ತು ಮಾಡುತ್ತಾನೆ. ಇಬ್ಬರ ಎಲೆಯ ಮೇಲೂ ಇರುವುದು ಅದೇ ಮಣ್ಣಿನ ಸೊಪ್ಪು. ಇದರಲ್ಲಿ ದೊಡ್ಡ ಸಮಾನತೆ ಇದೆ.

ಈ ಪದಾರ್ಥಗಳಲ್ಲಿ ಹಬ್ಬದ ಗುರುತಾಗಿರುವುದು ಕೆಸುವಿನ ಎಲೆ ಮತ್ತು ಹರಿವೆ ದಂಟಿನದು. ಕೊಂಕಣಿಯಲ್ಲಿ ಆಳುಂ–ದೆಂಟೊ. ಅನೇಕ ಮನೆಗಳಲ್ಲಿ ಕೇಳಿ, ನೋಡಿ ಬರೆದುಕೊಂಡ ಕ್ರಮವನ್ನು ಇಲ್ಲಿ ಕೊಡುತ್ತಿದ್ದೇನೆ. ನಿಮ್ಮ ಮನೆಯಲ್ಲಿ ಬೇರೆ ಕ್ರಮವಿದ್ದರೆ ಅದನ್ನೇ ಹಿಡಿಯಿರಿ.

ಮಾಡುವ ಕ್ರಮ

ಎಂಟು ಮಂದಿಗೆ ಬೇಕಾಗುವುದು: ಎಳೆಯ ಕೆಸುವಿನ ಎಲೆ 20, ದಪ್ಪ ಹರಿವೆ ದಂಟು 5 ಅಥವಾ 6, ಅಂಬಟೆ 6, ತೆಂಗಿನಕಾಯಿ ಅರ್ಧ, ಒಣಮೆಣಸು 8, ಕೊತ್ತಂಬರಿ ಬೀಜ 1 ದೊಡ್ಡ ಚಮಚ, ಜೀರಿಗೆ ಅರ್ಧ ಚಮಚ, ಅರಸಿನ ಒಂದು ಚಿಟಿಕೆ, ನೀರುಳ್ಳಿ 1, ಬೆಳ್ಳುಳ್ಳಿ 10 ಎಸಳು, ನೆಲ್ಲಿಕಾಯಿ ಗಾತ್ರದ ಹುಣಸೆಹಣ್ಣು, ಉಪ್ಪು, ತೆಂಗಿನೆಣ್ಣೆ.

ಮೊದಲು ಕೈಗೆ ಎಣ್ಣೆ ಹಚ್ಚಿಕೊಳ್ಳಿ, ಇಲ್ಲದಿದ್ದರೆ ಕೆಸು ತುರಿಸುತ್ತದೆ. ಎಲೆಗಳನ್ನು ತೊಳೆದು, ಹಿಂಭಾಗದ ದಪ್ಪ ನರ ತೆಗೆದು, ಉದ್ದಕ್ಕೆ ಸುರುಳಿ ಸುತ್ತಿ ಒಂದೊಂದು ಗಂಟು ಹಾಕಿ. ಗಂಟು ಬಿಗಿಯಾಗಿದ್ದರೆ ಬೆಂದಾಗ ಬಿಚ್ಚುವುದಿಲ್ಲ. ದಂಟಿನ ನಾರು ತೆಗೆದು ಎರಡು ಅಂಗುಲದ ತುಂಡು ಮಾಡಿ. ಅಂಬಟೆಯನ್ನು ಸ್ವಲ್ಪ ಜಜ್ಜಿ.

ದಂಟು ಮತ್ತು ಅಂಬಟೆಗೆ ನೀರು, ಉಪ್ಪು ಹಾಕಿ ಒಲೆಯ ಮೇಲಿಡಿ. ದಂಟು ಅರ್ಧ ಬೆಂದಾಗ ಎಲೆಯ ಗಂಟುಗಳನ್ನೂ ಅರ್ಧ ಹುಣಸೆಯ ರಸವನ್ನೂ ಸೇರಿಸಿ. ಇಲ್ಲಿ ಅವಸರ ಮಾಡಬೇಡಿ. ಕೆಸುವಿನಲ್ಲಿ ಕ್ಯಾಲ್ಸಿಯಂ ಆಕ್ಸಲೇಟಿನ ಸೂಜಿಯಂಥ ಸೂಕ್ಷ್ಮ ಹರಳುಗಳಿವೆ. ಗಂಟಲು ಕೆರೆಯುವುದು ಅವುಗಳಿಂದ. ಎಲೆ ಮೆತ್ತಗಾಗಿ, ಬೆರಳಿಗೆ ಸಿಕ್ಕರೆ ಕರಗುವಂತಿರಬೇಕು. ಅಲ್ಲಿಯ ತನಕ ಬೇಯಿಸಲೇಬೇಕು. ಹುಳಿ ಸೇರಿಸುವುದೂ ತುರಿಕೆ ತಗ್ಗಲೆಂದೇ.

ಮೆಣಸು, ಕೊತ್ತಂಬರಿ, ಜೀರಿಗೆಯನ್ನು ಬೆಚ್ಚಗೆ ಹುರಿದು, ತೆಂಗಿನ ತುರಿ, ಅರಸಿನ, ಅರ್ಧ ನೀರುಳ್ಳಿ, ಬೆಳ್ಳುಳ್ಳಿ 4 ಎಸಳು ಮತ್ತು ಉಳಿದ ಹುಣಸೆಯೊಂದಿಗೆ ನುಣ್ಣಗೆ ರುಬ್ಬಿ. ಬೆಂದ ಸೊಪ್ಪಿಗೆ ಈ ಮಸಾಲೆ ಬೆರೆಸಿ, ಗಂಟು ಒಡೆಯದಂತೆ ಮೆಲ್ಲಗೆ ತಿರುವಿ, ಚೆನ್ನಾಗಿ ಕುದಿಸಿ. ಉಳಿದ ನೀರುಳ್ಳಿಯನ್ನು ಹೆಚ್ಚಿ, ಬೆಳ್ಳುಳ್ಳಿಯನ್ನು ಜಜ್ಜಿ, ಎರಡನ್ನೂ ತೆಂಗಿನೆಣ್ಣೆಯಲ್ಲಿ ಕೆಂಪಗೆ ಹುರಿದು ಒಗ್ಗರಣೆ ಹಾಕಿ. ಬಡಿಸುವ ಮೊದಲು ಒಂದು ಗಂಟೆಯಾದರೂ ಮುಚ್ಚಿಡಿ.

ಕೈಯಿಂದ ಕೈಗೆ

ಪ್ರಿಯ ಓದುಗರೇ, ಮೇಲಿನ ಕ್ರಮವನ್ನು ಕತ್ತರಿಸಿ ಇಟ್ಟುಕೊಂಡರೆ ಅಡುಗೆ ಬಂದೀತೇ? ಅರ್ಧ ಬಂದೀತು. ಎಲೆ ಎಷ್ಟು ಎಳೆಯದಿರಬೇಕು, ಗಂಟು ಎಷ್ಟು ಬಿಗಿಯಿರಬೇಕು, ಮಸಾಲೆ ಯಾವಾಗ ನುಣ್ಣಗಾಯಿತು ಎಂಬುದನ್ನು ಕಾಗದ ಕಲಿಸಲಾರದು. ಅರಿಸ್ಟಾಟಲ್ ತನ್ನ ನೀತಿಶಾಸ್ತ್ರದಲ್ಲಿ ಇದನ್ನೇ ಹೇಳುತ್ತಾನೆ: ಮನೆ ಕಟ್ಟಿ ಕಟ್ಟಿಯೇ ಮನೆ ಕಟ್ಟುವವನಾಗಬೇಕು, ನ್ಯಾಯದ ಕಾರ್ಯ ಮಾಡಿ ಮಾಡಿಯೇ ನ್ಯಾಯವಂತನಾಗಬೇಕು. ಸದ್ಗುಣವೂ ಅಡುಗೆಯೂ ಬರುವುದು ಅಭ್ಯಾಸದಿಂದ.

'ಪರಂಪರೆ' ಎಂಬ ಮಾತಿಗೆ ಲತೀನ್ ಭಾಷೆಯಲ್ಲಿ 'ತ್ರಾದಿತ್ಸಿಯೊ' ಎನ್ನುತ್ತಾರೆ. ಅದರ ಅರ್ಥ ಒಬ್ಬರು ಇನ್ನೊಬ್ಬರ ಕೈಗೆ ಒಪ್ಪಿಸುವುದು. ಸಂತ ಪೌಲರು ಕೊರಿಂಥದವರಿಗೆ ಪ್ರಭುವಿನ ಭೋಜನದ ವಿಷಯ ಬರೆಯುವಾಗ, ತಾವು ಪಡೆದುದನ್ನೇ ಅವರಿಗೆ ಒಪ್ಪಿಸುತ್ತಿರುವುದಾಗಿ ಹೇಳುತ್ತಾರೆ. ದ್ವಿತೀಯ ವ್ಯಾಟಿಕನ್ ಮಹಾಸಭೆ 1965ರಲ್ಲಿ ಹೊರಡಿಸಿದ 'ದೇಯಿ ವೆರ್ಬುಮ್' ಎಂಬ ಪ್ರಕಟನೆಯೂ ಧರ್ಮಸಭೆ ತನ್ನ ಬೋಧನೆ, ಬಾಳು, ಆರಾಧನೆ ಮೂರರಲ್ಲೂ ವಿಶ್ವಾಸವನ್ನು ಮುಂದಿನ ಪೀಳಿಗೆಗೆ ದಾಟಿಸುತ್ತದೆಂದು ಕಲಿಸುತ್ತದೆ. ಬೋಧನೆಯನ್ನು ಪುಸ್ತಕದಿಂದ ಪಡೆಯಬಹುದು, ಬಾಳನ್ನು ಪಡೆಯಲು ಜೊತೆಯಲ್ಲಿ ಕೂರಬೇಕು. ನಮ್ಮ ಮಕ್ಕಳು ಶಿಲುಬೆಯ ಗುರುತು ಹಾಕಲು ಕಲಿತದ್ದು ಧರ್ಮೋಪದೇಶದ ತರಗತಿಯಲ್ಲಲ್ಲ, ಅಜ್ಜಿಯ ಮಡಿಲಲ್ಲಿ.

ಈಗ ಹಬ್ಬದ ಊಟವನ್ನೂ ಹೊರಗಿನಿಂದ ತರಿಸಬಹುದು. ಕಾಯಿಲೆಯವರಿರುವ ಮನೆಗೆ, ಇಬ್ಬರೇ ವೃದ್ಧರಿರುವ ಮನೆಗೆ ಅದು ಉಪಕಾರವೇ. ಆದರೆ ಶಕ್ತಿಯಿರುವ ಮನೆಯಲ್ಲಿ ಅಜ್ಜಿ ಸುಮ್ಮನೆ ಕುಳಿತಿರುವಾಗ ಪೊಟ್ಟಣ ಬಿಚ್ಚುವುದೆಂದರೆ, ಆಕೆಯ ಕೈಯಲ್ಲಿರುವುದನ್ನು ನಾವು ಪಡೆಯಲಿಲ್ಲ ಎಂದೇ ಅರ್ಥ. ಪೋಪ್ ಫ್ರಾನ್ಸಿಸರು 2021ರಲ್ಲಿ ಅಜ್ಜಅಜ್ಜಿಯರ ಹಾಗೂ ವೃದ್ಧರ ವಿಶ್ವ ದಿನವನ್ನು ಆರಂಭಿಸಿದರು. ಅದನ್ನು ಜುಲೈ ತಿಂಗಳಲ್ಲಿ ಜೋಕಿಂ ಮತ್ತು ಅನ್ನಮ್ಮನವರ ಹಬ್ಬದ ಹತ್ತಿರದಲ್ಲೇ ಇಟ್ಟಿದ್ದಾರೆ. ಮರಿಯಮ್ಮನವರ ಜನ್ಮದಿನದಂದು ಅವರ ತಂದೆತಾಯಿಯರನ್ನು ನೆನೆಯುವ ನಾವು ನಮ್ಮ ಮನೆಯ ಹಿರಿಯರನ್ನು ಮೂಲೆಯಲ್ಲಿ ಕೂರಿಸಬಾರದು.

ಇನ್ನೊಂದು ಮಾತು. ಈ ಕೆಲಸವನ್ನೆಲ್ಲ ಮನೆಯ ಹೆಂಗಸರ ತಲೆಗೆ ಕಟ್ಟಿ, ಗಂಡಸರು ಎಲೆಯ ಮುಂದೆ ಬಂದು ಕೂರುವುದು ಪರಂಪರೆಯಲ್ಲ, ಸೋಮಾರಿತನ. ಕಾಯಿ ತುರಿಯಲು, ದಂಟಿನ ನಾರು ತೆಗೆಯಲು, ಎಲೆ ಒರೆಸಲು ಎಲ್ಲರಿಗೂ ಬರುತ್ತದೆ.

ಒಂದೇ ಪಾತ್ರೆ

ಹಿಂದೆ ನಾನು ಸೇವೆಯಲ್ಲಿದ್ದ ಒಂದು ಧರ್ಮಕೇಂದ್ರದಲ್ಲಿ ಇಬ್ಬರು ಅಣ್ಣತಮ್ಮಂದಿರಿದ್ದರು. ಜಾಗದ ಪಾಲಿನ ಜಗಳ ಕೋರ್ಟಿಗೆ ಹೋಗಿತ್ತು. ಒಂದೇ ಮನೆಯ ನಡುವೆ ಗೋಡೆ ಎದ್ದಿತ್ತು. ತಾಯಿ ಒಂದು ತಿಂಗಳು ಈಚೆ, ಒಂದು ತಿಂಗಳು ಆಚೆ. ಮೊಂತಿ ಹಬ್ಬದ ಹಿಂದಿನ ಸಂಜೆ ಇಬ್ಬರು ಸೊಸೆಯಂದಿರೂ ಕೆಸುವಿನ ಎಲೆ ಹಿಡಿದು ಅತ್ತೆಯ ಬಳಿಗೆ ಬಂದರು. ಗಂಟು ಹಾಕುವುದರಲ್ಲಿ ಆ ತಾಯಿಯದು ಎತ್ತಿದ ಕೈ. ಆಕೆ ಅಂದರಂತೆ, "ಗಂಟು ನಾನು ಹಾಕಿ ಕೊಡುತ್ತೇನೆ ಮಗಾ, ಆದರೆ ಒಂದೇ ಪಾತ್ರೆಗೆ. ಎರಡು ಪಾತ್ರೆಗಾದರೆ ನನ್ನ ಕೈ ಏಳುವುದಿಲ್ಲ."

ಮರುದಿನ ಆ ಮನೆಗೆ ಹೋದಾಗ ಎಲೆಗಳನ್ನು ಅಂಗಳದಲ್ಲಿ ಹಾಕಿದ್ದರು. ಒಳಗೆ ಹಾಕಿದರೆ ಯಾರ ಪಾಲಿನಲ್ಲಿ ಎಂಬ ಪ್ರಶ್ನೆ ಬರುತ್ತಿತ್ತು. ಹೊಸ ಅಕ್ಕಿ ಬೆರೆಸಿದ ಹಾಲನ್ನು ತಾಯಿಯೇ ಇಬ್ಬರು ಮಕ್ಕಳಿಗೂ ಕೊಟ್ಟರು. ಮಾತು ಹೆಚ್ಚೇನೂ ನಡೆಯಲಿಲ್ಲ. ಕೋರ್ಟಿನ ವ್ಯಾಜ್ಯವೂ ಅಂದೇ ಮುಗಿಯಲಿಲ್ಲ, ಅದು ನಿಧಾನವಾಗಿ ಬೇಯಬೇಕಾದ ವಿಷಯ. ಆದರೆ ಮಕ್ಕಳು ಆ ದಿನದಿಂದ ಗೋಡೆ ಸುತ್ತಿ ಆಚೀಚೆ ಓಡಾಡತೊಡಗಿದರು.

ಅರ್ಧ ಬೆಂದ ಕೆಸು ಗಂಟಲು ಕೆರೆಯುತ್ತದೆ. ಅರ್ಧ ಬೆಂದ ರಾಜಿಯೂ ಹಾಗೆಯೇ. "ಆಯಿತು, ಮರೆತುಬಿಡಿ" ಎಂದು ಅವಸರದಿಂದ ಮುಚ್ಚಿದ ಜಗಳ ಮುಂದಿನ ಮದುವೆಯಲ್ಲಿ ಮತ್ತೆ ತುರಿಸುತ್ತದೆ. ಕ್ಷಮೆಗೆ ಬೆಂಕಿಯೂ ಬೇಕು, ಹುಳಿಯೂ ಬೇಕು, ಸಮಯವೂ ಬೇಕು. ಆದರೆ ಒಲೆ ಹೊತ್ತಿಸದೆ ಯಾವುದೂ ಬೇಯುವುದಿಲ್ಲ. ಮೊಂತಿ ಹಬ್ಬ ಒಲೆ ಹೊತ್ತಿಸಲು ಒಳ್ಳೆಯ ದಿನ. ಒಟ್ಟಿಗೆ ಸೇರಿಯೂ ಒಬ್ಬರಿಗೊಬ್ಬರು ಕಾಯದೆ ತಿಂದ ಕೊರಿಂಥದವರನ್ನು ಸಂತ ಪೌಲರು ಏಕೆ ಅಷ್ಟು ಕಟುವಾಗಿ ಗದರಿಸಿದರೆಂದು ಯೋಚಿಸಿ. ಪ್ರಭುವಿನ ಭೋಜನಕ್ಕೂ ನಮ್ಮ ಮನೆಯ ಊಟಕ್ಕೂ ಅವರು ಗೋಡೆ ಕಟ್ಟಲಿಲ್ಲ.

ಎಲೆಯ ಮುಂದೆ ಇಲ್ಲದವರು

ಮುಂಬಯಿಯಲ್ಲಿ, ಕೊಲ್ಲಿ ದೇಶಗಳಲ್ಲಿ ದುಡಿಯುವ ಮಕ್ಕಳಿಗೆ ಹೊಸ ಕಾಳನ್ನು ಅಂಚೆಯಲ್ಲಿ ಕಳುಹಿಸುವ ಪದ್ಧತಿ ಬಹಳ ಮನೆಗಳಲ್ಲಿದೆ. ಮೊಬೈಲಿನಲ್ಲಿ ಮುಖ ನೋಡುವ ಈ ಕಾಲದಲ್ಲೂ ಅದನ್ನು ಬಿಡಬೇಡಿ. ಮುಖ ಕಾಣುವುದು ಬೇರೆ, ಒಂದೇ ತೆನೆಯ ಕಾಳು ತಿನ್ನುವುದು ಬೇರೆ. ಹಾಗೆಯೇ ಹತ್ತಿರದಲ್ಲಿದ್ದೂ ಎಲೆಯ ಮುಂದೆ ಇಲ್ಲದವರನ್ನು ನೆನೆಯಿರಿ: ಒಂಟಿಯಾಗಿರುವ ನೆರೆಯವರು, ತೋಟದ ಕೆಲಸಕ್ಕೆ ದೂರದಿಂದ ಬಂದವರು. ಹೊಲದ ಅಂಚಿನ ಬೆಳೆಯನ್ನು ಕೊಯ್ಯದೆ ಬಡವರಿಗೂ ಪರದೇಶಿಗಳಿಗೂ ಬಿಡಬೇಕೆಂದು ಯಾಜಕಕಾಂಡದ 23ನೆಯ ಅಧ್ಯಾಯ ಆಜ್ಞಾಪಿಸುತ್ತದೆ. ಹೊಲವಿಲ್ಲದ ನಮಗೆ ಪಾತ್ರೆಯಾದರೂ ಇದೆ. ಎಂಟು ಮಂದಿಗೆ ಮಾಡುವಲ್ಲಿ ಹತ್ತು ಮಂದಿಗೆ ಮಾಡಿ.

ಮನೆಯಲ್ಲಿ ಕೂಡಿ ಮಾತನಾಡಲು

1. ನಮ್ಮ ಮನೆಯ ಹಬ್ಬದ ಅಡುಗೆಯಲ್ಲಿ ಒಬ್ಬರಿಗೆ ಮಾತ್ರ ಗೊತ್ತಿರುವ ಪದಾರ್ಥ ಯಾವುದು? ಈ ವರ್ಷ ಅದನ್ನು ಅವರ ಪಕ್ಕದಲ್ಲಿ ಕುಳಿತು ಯಾರು ಕಲಿಯುವರು?

2. ಹೊಸ ಅಕ್ಕಿ ಸೇವಿಸುವ ಮೊದಲು ನಮ್ಮ ಕುಟುಂಬದ ಕಥೆಯನ್ನು ಮಕ್ಕಳಿಗೆ ಯಾರು ಹೇಳುವರು?

3. ನಮ್ಮ ಊಟಕ್ಕೆ ಕರೆಯದೆ ಬಿಟ್ಟ ಬಂಧು ಯಾರು? ಸೆಪ್ಟೆಂಬರ್ 8ರ ಮೊದಲು ಅವರ ಮನೆಯ ಬಾಗಿಲಿಗೆ ಹೋಗುವವರು ಯಾರು?

ಮೂರನೆಯ ಪ್ರಶ್ನೆಗೆ ಉತ್ತರ ಸಿಕ್ಕಿದ ಮೇಲೆ ಕೆಸುವಿನ ಎಲೆ ಕೊಯ್ಯಲು ಹೊರಡಿ.