ಕೂಡುರಸ್ತೆಯಲ್ಲಿ ಹಿಂದಿಕ್ಕಬಾರದೇಕೆ? ದ್ವಿಪಥ ರಸ್ತೆಗಳ ಸಂಚಾರ ನಿಯಮ ಕುರಿತು ಗ್ರಾಮ ಪಂಚಾಯಿತಿ ಸದಸ್ಯರಿಗೆ ಅಧ್ಯಯನ ಪಾಠ

ಪಾಠದ ಉದ್ದೇಶ

ಗ್ರಾಮ ಪಂಚಾಯಿತಿ ವ್ಯಾಪ್ತಿಯ ಬಹುತೇಕ ಹಳ್ಳಿಗಳ ದಾರಿಯು ಒಂದಲ್ಲ ಒಂದು ಕಡೆ ರಾಜ್ಯ ಹೆದ್ದಾರಿಯನ್ನೋ ಜಿಲ್ಲಾ ಮುಖ್ಯ ರಸ್ತೆಯನ್ನೋ ಸೇರುತ್ತದೆ. ಹಾಗೆ ಸೇರುವ ಸ್ಥಳವನ್ನು ಕೆಲವೆಡೆ ಕ್ರಾಸ್ ಎಂದೂ, ಕೆಲವೆಡೆ ಗೇಟ್ ಎಂದೂ, ಮಲೆನಾಡಿನ ಕಡೆ ಕೈಮರ ಎಂದೂ ಕರೆಯುವ ರೂಢಿಯಿದೆ. ಹೆಸರು ಯಾವುದೇ ಇರಲಿ, ಬಸ್ಸು ನಿಲ್ಲುವುದು ಅಲ್ಲಿಯೇ. ಚಹಾದ ಅಂಗಡಿ ಇರುವುದು ಅಲ್ಲಿಯೇ. ಪ್ರೌಢಶಾಲೆಗೆ ಹೋಗುವ ಮಕ್ಕಳು ರಸ್ತೆ ದಾಟುವುದೂ ಅಲ್ಲಿಯೇ. ಇಂತಹ ಸ್ಥಳದಲ್ಲಿ ಒಂದು ವಾಹನವು ಮತ್ತೊಂದನ್ನು ಹಿಂದಿಕ್ಕುವುದು, ಅಂದರೆ ಜನರ ಮಾತಿನಲ್ಲಿ ಓವರ್‌ಟೇಕ್ ಮಾಡುವುದು, ಏಕೆ ನಿಷಿದ್ಧ, ಆ ನಿಷೇಧದ ಹಿಂದಿರುವ ಕಾರಣವೇನು, ಮತ್ತು ಪಂಚಾಯಿತಿಯು ತನ್ನ ಮಟ್ಟದಲ್ಲಿ ಏನು ಮಾಡಬಹುದು ಎಂಬುದನ್ನು ತಿಳಿಸುವುದು ಈ ಪಾಠದ ಉದ್ದೇಶ.

1. ದ್ವಿಪಥ ರಸ್ತೆ: ಎರವಲು ಪಡೆಯುವ ಪಥ

ದ್ವಿಪಥ ರಸ್ತೆಯ ಡಾಂಬರಿನ ಅಗಲ ಸಾಮಾನ್ಯವಾಗಿ 7 ಮೀಟರ್. ಹೋಗುವವರಿಗೆ 3.5 ಮೀಟರ್, ಬರುವವರಿಗೆ 3.5 ಮೀಟರ್. ಅದನ್ನು ಸೇರುವ ಗ್ರಾಮೀಣ ರಸ್ತೆಯು ಹೆಚ್ಚಿನ ಕಡೆ 3.75 ಮೀಟರ್ ಅಗಲದ ಏಕಪಥವಾಗಿರುತ್ತದೆ. ನಾಲ್ಕು ಪಥಗಳ ಹೆದ್ದಾರಿಯಲ್ಲಿ ಹಿಂದಿಕ್ಕುವವನು ತನ್ನ ದಿಕ್ಕಿನದೇ ಮತ್ತೊಂದು ಪಥವನ್ನು ಬಳಸುತ್ತಾನೆ. ದ್ವಿಪಥ ರಸ್ತೆಯಲ್ಲಿ ಆ ಅನುಕೂಲವಿಲ್ಲ. ಅಲ್ಲಿ ಹಿಂದಿಕ್ಕುವುದೆಂದರೆ ಎದುರಿನಿಂದ ಬರುವವರ ಪಥವನ್ನು ಕೆಲವು ಸೆಕೆಂಡುಗಳ ಮಟ್ಟಿಗೆ ಎರವಲು ಪಡೆಯುವುದೇ ಆಗಿದೆ. ಎರವಲು ಪಡೆದದ್ದನ್ನು ಸಕಾಲದಲ್ಲಿ ಹಿಂದಿರುಗಿಸಲಾಗದಿದ್ದರೆ ಅದರ ಬೆಲೆಯನ್ನು ಬೇರೆಯವರು ತೆರಬೇಕಾಗುತ್ತದೆ.

2. ನಿಯಮ ಹೇಳುವುದೇನು?

ಮೋಟಾರು ವಾಹನಗಳ ಅಧಿನಿಯಮ, 1988ರ 118ನೇ ಪ್ರಕರಣದಡಿ ಕೇಂದ್ರ ಸರ್ಕಾರವು 1989ರಲ್ಲಿ ರಸ್ತೆ ಸಂಚಾರ ವಿನಿಯಮಗಳನ್ನು ಹೊರಡಿಸಿತ್ತು. ಅವುಗಳ ಸ್ಥಾನದಲ್ಲಿ ಈಗ 2017ರ ಮೋಟಾರು ವಾಹನಗಳ ಚಾಲನಾ ವಿನಿಯಮಗಳು ಜಾರಿಯಲ್ಲಿವೆ. ಪ್ರಸ್ತುತ ವಿಷಯಕ್ಕೆ ಸಂಬಂಧಿಸಿದ ಮುಖ್ಯಾಂಶಗಳು ಹೀಗಿವೆ:

(ಅ) ಹಿಂದಿಕ್ಕುವುದು ಮುಂದಿನ ವಾಹನದ ಬಲಬದಿಯಿಂದಲೇ ಆಗಬೇಕು. ಮುಂದಿನ ವಾಹನವು ಬಲಕ್ಕೆ ತಿರುಗುವ ಸೂಚನೆ ನೀಡಿ ರಸ್ತೆಯ ಮಧ್ಯಭಾಗಕ್ಕೆ ಸರಿದಿರುವಾಗ ಮಾತ್ರ ಎಚ್ಚರಿಕೆಯಿಂದ ಅದರ ಎಡಬದಿಯಿಂದ ಸಾಗಬಹುದು.

(ಆ) ಕೂಡುರಸ್ತೆ, ಪಾದಚಾರಿ ದಾಟುದಾರಿ, ತಿರುವು, ದಿಬ್ಬದ ನೆತ್ತಿ ಮುಂತಾದ, ಮುಂದಿನ ರಸ್ತೆ ಸ್ಪಷ್ಟವಾಗಿ ಕಾಣದ ಅಥವಾ ಇತರರಿಗೆ ಅಪಾಯವಾಗುವ ಸ್ಥಳಗಳಲ್ಲಿ ಹಿಂದಿಕ್ಕುವಂತಿಲ್ಲ.

(ಇ) ಕೂಡುರಸ್ತೆಯನ್ನು ಸಮೀಪಿಸುವ ಪ್ರತಿಯೊಬ್ಬ ಚಾಲಕನೂ ವೇಗ ತಗ್ಗಿಸಬೇಕು. ಇತರರಿಗೆ ಅಪಾಯವಿಲ್ಲವೆಂದು ಖಚಿತವಾದ ಬಳಿಕವೇ ಅದನ್ನು ಪ್ರವೇಶಿಸಬೇಕು.

(ಈ) ಪೊಲೀಸರಾಗಲಿ ಸಿಗ್ನಲ್ ಆಗಲಿ ಇಲ್ಲದ ಕೂಡುರಸ್ತೆಯಲ್ಲಿ, ಮುಖ್ಯ ರಸ್ತೆಯನ್ನು ಸೇರುವವರು ಆ ರಸ್ತೆಯಲ್ಲಿ ಸಾಗುತ್ತಿರುವವರಿಗೆ ದಾರಿ ಬಿಡಬೇಕು. ಇತರ ಸಂದರ್ಭಗಳಲ್ಲಿ ತಮ್ಮ ಬಲಗಡೆಯಿಂದ ಬರುವವರಿಗೆ ದಾರಿ ಬಿಡಬೇಕು.

(ಉ) ಹಿಂದಿನ ವಾಹನವು ಮುಂದೆ ಹೋಗಲು ಆರಂಭಿಸಿದ ಮೇಲೆ ಮುಂದಿನ ಚಾಲಕನು ವೇಗ ಹೆಚ್ಚಿಸಿ ಅಡ್ಡಿಪಡಿಸಬಾರದು.

2019ರ ತಿದ್ದುಪಡಿಯ ನಂತರ, ಕಾನೂನಿಗೆ ವಿರುದ್ಧವಾಗಿ ಹಿಂದಿಕ್ಕುವುದನ್ನು ಅಧಿನಿಯಮದ 184ನೇ ಪ್ರಕರಣವು ಅಪಾಯಕಾರಿ ಚಾಲನೆಯ ವಿವರಣೆಯಲ್ಲಿ ಹೆಸರಿಸಿಯೇ ಸೇರಿಸಿದೆ. ಮೊದಲ ಅಪರಾಧಕ್ಕೆ 6 ತಿಂಗಳಿಂದ 1 ವರ್ಷದವರೆಗೆ ಕಾರಾವಾಸ, ಅಥವಾ 1,000 ರೂಪಾಯಿಯಿಂದ 5,000 ರೂಪಾಯಿವರೆಗೆ ದಂಡ, ಅಥವಾ ಎರಡನ್ನೂ ವಿಧಿಸಲು ಅವಕಾಶವಿದೆ.

3. ಕೂಡುರಸ್ತೆಯೇ ಏಕೆ ಅಪಾಯದ ತಾಣ?

ದಂಡದ ಮೊತ್ತಕ್ಕಿಂತಲೂ ನಿಯಮದ ಕಾರಣವನ್ನು ಅರಿತವರು ಅದನ್ನು ಹೆಚ್ಚು ಪಾಲಿಸುತ್ತಾರೆ. ಕೂಡುರಸ್ತೆಯಲ್ಲಿ ಹಿಂದಿಕ್ಕುವವನಿಗೆ ಮೂರು ಬಗೆಯ ಅಪಾಯಗಳು ಎದುರಾಗುತ್ತವೆ.

ಮೊದಲನೆಯದು, ಬಲಕ್ಕೆ ತಿರುಗುವ ವಾಹನ. ಕಬ್ಬು ತುಂಬಿದ ಟ್ರೇಲರುಗಳನ್ನು ಎಳೆಯುತ್ತಾ ಸಾಗುವ ಟ್ರಾಕ್ಟರು ಕ್ರಾಸ್ ಬಳಿ ಇನ್ನಷ್ಟು ನಿಧಾನವಾದರೆ, ಹಿಂದಿರುವ ಬೈಕ್ ಸವಾರನು ಅದನ್ನು ಮುಂದೆ ಹೋಗಲು ಸಿಕ್ಕ ಅವಕಾಶವೆಂದು ಭಾವಿಸುತ್ತಾನೆ. ವಾಸ್ತವದಲ್ಲಿ ಅದು ಬಲಗಡೆಯ ಹಳ್ಳಿಯ ದಾರಿಗೆ ತಿರುಗಲೆಂದೇ ನಿಧಾನಗೊಂಡಿರಬಹುದು. ಹೇರು ಎತ್ತರವಾಗಿದ್ದಲ್ಲಿ ಚಾಲಕನಿಗೆ ಹಿಂದಿನವನು ಕಾಣುವುದಿಲ್ಲ. ಹಿಂದಿನವನಿಗೆ ಚಾಲಕನ ಕೈಸನ್ನೆಯೂ ಕಾಣುವುದಿಲ್ಲ. ಆದುದರಿಂದ ಕೂಡುರಸ್ತೆಯ ಬಳಿ ಮುಂದಿನ ವಾಹನವು ನಿಧಾನವಾದರೆ ಅದಕ್ಕೊಂದು ಕಾರಣವಿದೆ ಎಂದೇ ತಿಳಿಯತಕ್ಕದ್ದು.

ಎರಡನೆಯದು, ಅಡ್ಡರಸ್ತೆಯಿಂದ ಬರುವವರು. ಈ ಅಪಾಯವು ಸುಲಭವಾಗಿ ಕಣ್ಣಿಗೆ ಬೀಳುವಂತಹದ್ದಲ್ಲವಾದ್ದರಿಂದ ಸದಸ್ಯರು ಇದನ್ನು ವಿಶೇಷವಾಗಿ ಗಮನಿಸಬೇಕು. ಹಳ್ಳಿಯ ದಾರಿಯಿಂದ ಬಂದು ಮುಖ್ಯ ರಸ್ತೆಯಲ್ಲಿ ಎಡಕ್ಕೆ ತಿರುಗುವ ಸವಾರನು ಸೇರುವುದು ತನಗೆ ಹತ್ತಿರದ ಪಥವನ್ನು. ಆ ಪಥದಲ್ಲಿ ವಾಹನಗಳು ಬರಬೇಕಾದದ್ದು ಅವನ ಬಲಗಡೆಯಿಂದ. ಆದ್ದರಿಂದ ಅವನು ಬಲಕ್ಕೆ ನೋಡುತ್ತಾನೆ. ಯಾರೂ ಇಲ್ಲವೆಂದು ಖಚಿತಪಡಿಸಿಕೊಂಡು ರಸ್ತೆಗೆ ಇಳಿಯುತ್ತಾನೆ. ಅದೇ ಕ್ಷಣದಲ್ಲಿ ಅವನ ಎಡಗಡೆಯಿಂದ ಬರುತ್ತಿರುವ ಕಾರೊಂದು ಬಸ್ಸನ್ನು ಹಿಂದಿಕ್ಕಲು ಅವನ ಪಥಕ್ಕೇ ನುಗ್ಗಿದರೆ, ಇಬ್ಬರೂ ಮುಖಾಮುಖಿಯಾಗುತ್ತಾರೆ. ಸವಾರನು ಯಾವ ನಿಯಮವನ್ನೂ ಮುರಿದಿರುವುದಿಲ್ಲ. ಅವನು ನೋಡಬೇಕಾದ ಕಡೆಗೇ ನೋಡಿದ್ದಾನೆ. ಅಪಾಯವು ಬರಬಾರದ ಕಡೆಯಿಂದ ಬಂದಿದೆ. ಅಡ್ಡರಸ್ತೆಯು ಇನ್ನೊಂದು ಬದಿಯಲ್ಲಿದ್ದರೂ ಪರಿಸ್ಥಿತಿ ಸುರಕ್ಷಿತವೇನಲ್ಲ. ನಿಧಾನವಾಗಿ ಬರುವ ಟ್ರಾಕ್ಟರನ್ನು ಕಂಡು, ದಾಟಲು ಸಾಕಷ್ಟು ಸಮಯವಿದೆಯೆಂದು ಹೊರಡುವವನಿಗೆ ಆ ಟ್ರಾಕ್ಟರಿನ ಮರೆಯಿಂದ ಬಲಕ್ಕೆ ಚಿಮ್ಮುವ ವಾಹನವು ಕೊನೆಯ ಗಳಿಗೆಯವರೆಗೂ ಕಾಣುವುದಿಲ್ಲ.

ಮೂರನೆಯದು, ಪಾದಚಾರಿಗಳು. ಕ್ರಾಸಿನಲ್ಲಿ ಬಸ್ಸಿನಿಂದ ಇಳಿದ ಮಕ್ಕಳು, ವೃದ್ಧರು ಬಸ್ಸಿನ ಮುಂಭಾಗದಿಂದಲೇ ರಸ್ತೆ ದಾಟುವುದು ಸಾಮಾನ್ಯ. ನಿಂತ ಬಸ್ಸನ್ನು ವೇಗವಾಗಿ ಬಳಸಿ ಹೋಗುವವನಿಗೆ ಅವರು ಕಾಣುವುದಿಲ್ಲ. ಅವರಿಗೂ ಅವನು ಕಾಣುವುದಿಲ್ಲ.

4. ದೂರದ ಲೆಕ್ಕ

ಗಂಟೆಗೆ 60 ಕಿ.ಮೀ. ವೇಗದ ವಾಹನವು ಪ್ರತಿ ಸೆಕೆಂಡಿಗೆ ಸುಮಾರು 17 ಮೀಟರ್ ಸಾಗುತ್ತದೆ. ಈ ಕಾರು ಗಂಟೆಗೆ 24 ಕಿ.ಮೀ. ವೇಗದ ಟ್ರಾಕ್ಟರನ್ನು ಹಿಂದಿಕ್ಕುತ್ತದೆ ಎಂದಿಟ್ಟುಕೊಳ್ಳಬಹುದು. ಹಿಂದೆ 20 ಮೀಟರ್ ಅಂತರ, ಟ್ರಾಕ್ಟರು ಮತ್ತು ಟ್ರೇಲರುಗಳ ಉದ್ದ 15 ಮೀಟರ್, ಕಾರಿನ ಉದ್ದ 5 ಮೀಟರ್, ಮುಂದೆ 20 ಮೀಟರ್ ಅಂತರ. ಒಟ್ಟು 60 ಮೀಟರ್. ಎರಡರ ವೇಗದ ವ್ಯತ್ಯಾಸ ಗಂಟೆಗೆ 36 ಕಿ.ಮೀ., ಅಂದರೆ ಸೆಕೆಂಡಿಗೆ 10 ಮೀಟರ್. ಆದ್ದರಿಂದ ಬೇಕಾಗುವ ಸಮಯ 6 ಸೆಕೆಂಡು. ಅಷ್ಟರಲ್ಲಿ ಕಾರು 100 ಮೀಟರ್ ಸಾಗಿರುತ್ತದೆ. ಎದುರಿನಿಂದ ಅದೇ ವೇಗದಲ್ಲಿ ಬರುವ ವಾಹನವೂ 100 ಮೀಟರ್ ಸಾಗಿರುತ್ತದೆ. ಕನಿಷ್ಠ 200 ಮೀಟರ್ ರಸ್ತೆ ತೆರವಾಗಿರಬೇಕು.

ಟ್ರಾಕ್ಟರಿನ ಬದಲು ಗಂಟೆಗೆ 42 ಕಿ.ಮೀ. ವೇಗದ ಬಸ್ಸಿದ್ದರೆ ವೇಗದ ವ್ಯತ್ಯಾಸ ಸೆಕೆಂಡಿಗೆ 5 ಮೀಟರಿಗೆ ಇಳಿಯುತ್ತದೆ. ಅದೇ 60 ಮೀಟರಿಗೆ 12 ಸೆಕೆಂಡು ಬೇಕು. ತೆರವಿರಬೇಕಾದ ರಸ್ತೆ 400 ಮೀಟರ್. ಯೋಚಿಸಿ ನಿರ್ಧರಿಸುವ ಸಮಯ ಈ ಲೆಕ್ಕದಲ್ಲಿ ಸೇರಿಲ್ಲ. ಭಾರತೀಯ ರಸ್ತೆ ಕಾಂಗ್ರೆಸ್ಸಿನ ಮಾನದಂಡದಂತೆ, ಗಂಟೆಗೆ 60 ಕಿ.ಮೀ. ವೇಗದ ರಸ್ತೆಯಲ್ಲಿ ಸುರಕ್ಷಿತವಾಗಿ ಹಿಂದಿಕ್ಕಲು 300 ಮೀಟರ್ ಹಾಗೂ ಗಂಟೆಗೆ 80 ಕಿ.ಮೀ. ವೇಗದ ರಸ್ತೆಯಲ್ಲಿ 470 ಮೀಟರ್ ನೋಟದ ದೂರ ಇರಬೇಕು.

ನಿಲ್ಲುವ ಲೆಕ್ಕವೂ ಇದೆ. ಗಂಟೆಗೆ 60 ಕಿ.ಮೀ. ವೇಗದಲ್ಲಿರುವ ವಾಹನವು ಅಪಾಯವನ್ನು ಕಂಡು ಪೂರ್ಣವಾಗಿ ನಿಲ್ಲಲು 80 ಮೀಟರ್ ಬೇಕೆಂದು ಅದೇ ಮಾನದಂಡ ಹೇಳುತ್ತದೆ. ಇದರಲ್ಲಿ ಸುಮಾರು 42 ಮೀಟರ್ ಬ್ರೇಕಿನ ಮೇಲೆ ಕಾಲಿಡುವ ಮುನ್ನವೇ ಕಳೆದುಹೋಗುತ್ತದೆ. ಪೊದೆಯ ಮರೆಯಲ್ಲಿರುವ ಅಡ್ಡರಸ್ತೆಯಿಂದ ಬೈಕೊಂದು 30 ಮೀಟರ್ ಎದುರಿಗೆ ಬಂದರೆ, ಬ್ರೇಕು ಎಷ್ಟೇ ಚೆನ್ನಾಗಿದ್ದರೂ ಪ್ರಯೋಜನವಿಲ್ಲ.

5. ಗುರುತುಗಳು ಮತ್ತು ಫಲಕಗಳು

ರಸ್ತೆಯ ನಡುವಿನ ತುಂಡುಗೆರೆಯನ್ನು ಸುರಕ್ಷಿತವಾಗಿದ್ದಾಗ ದಾಟಬಹುದು. ಅಖಂಡ ಗೆರೆಯನ್ನು ಹಿಂದಿಕ್ಕಲು ದಾಟುವಂತಿಲ್ಲ. ಎರಡು ಗೆರೆಗಳು ಜೊತೆಯಾಗಿದ್ದು ಒಂದು ತುಂಡಾಗಿ, ಒಂದು ಅಖಂಡವಾಗಿದ್ದರೆ, ತನ್ನ ಬದಿಗೆ ತುಂಡುಗೆರೆ ಇರುವವನು ಮಾತ್ರ ದಾಟಬಹುದು. ಕೆಂಪು ಅಂಚಿನ ತ್ರಿಕೋನ ಫಲಕವು ಮುಂದೆ ಅಡ್ಡರಸ್ತೆ ಇದೆಯೆಂದು ಎಚ್ಚರಿಸುತ್ತದೆ. ತಲೆಕೆಳಗಾದ ತ್ರಿಕೋನ ‘ದಾರಿ ಬಿಡಿ’ ಎಂದೂ, ಎಂಟು ಮೂಲೆಗಳ ಕೆಂಪು ಫಲಕ ‘ನಿಲ್ಲಿ’ ಎಂದೂ ಆಜ್ಞಾಪಿಸುತ್ತವೆ. ಗೆರೆ ಅಳಿಸಿಹೋಗಿದೆ ಅಥವಾ ಫಲಕವಿಲ್ಲ ಎಂಬ ಕಾರಣಕ್ಕೆ ಕೂಡುರಸ್ತೆಯಲ್ಲಿ ಹಿಂದಿಕ್ಕುವ ಹಕ್ಕು ಹುಟ್ಟುವುದಿಲ್ಲ.

6. ಸಾಮಾನ್ಯವಾಗಿ ಕೇಳಿಬರುವ ಪ್ರಶ್ನೆಗಳು

ಹಾರ್ನ್ ಹಾಕಿ ಮುಂದೆ ಹೋದರೆ ಸಾಲದೇ? ಸಾಲದು. ಹಾರ್ನ್ ಎಚ್ಚರಿಕೆಯೇ ಹೊರತು ಅನುಮತಿಯಲ್ಲ. ಟ್ರಾಕ್ಟರಿನ ಇಂಜಿನ್ ಸದ್ದಿನಲ್ಲಿ ಅದು ಚಾಲಕನಿಗೆ ಕೇಳಿಸದೆಯೂ ಇರಬಹುದು.

ಮುಂದಿನ ಲಾರಿಯು ಬಲಗಡೆಯ ಸೂಚಕ ದೀಪ ಹಾಕಿದರೆ ಮುಂದೆ ಹೋಗಬಹುದೇ? ‘ನೀವು ಮುಂದೆ ಹೋಗಿ’ ಎನ್ನಲು ಕೆಲವು ಚಾಲಕರು ಹೀಗೆ ದೀಪ ಹಾಕುವುದುಂಟು. ಆದರೆ ಅದರ ನಿಜವಾದ ಅರ್ಥ ‘ಬಲಕ್ಕೆ ತಿರುಗುತ್ತಿದ್ದೇನೆ’ ಎಂಬುದು. ಕೂಡುರಸ್ತೆಯ ಬಳಿ ಬೇರೆ ಅರ್ಥ ಮಾಡಿಕೊಳ್ಳುವುದು ಪ್ರಾಣಾಪಾಯಕರ.

ಎಷ್ಟು ಸಮಯ ಉಳಿಯುತ್ತದೆ? ಕ್ರಾಸ್ ದಾಟುವವರೆಗೆ 200 ಮೀಟರ್ ದೂರವನ್ನು ಗಂಟೆಗೆ 24 ಕಿ.ಮೀ. ವೇಗದ ಟ್ರಾಕ್ಟರಿನ ಹಿಂದೆಯೇ ಸಾಗಿದರೆ 30 ಸೆಕೆಂಡು ಬೇಕು. ಗಂಟೆಗೆ 60 ಕಿ.ಮೀ. ವೇಗದಲ್ಲಾದರೆ 12 ಸೆಕೆಂಡು. ಉಳಿಯುವುದು 18 ಸೆಕೆಂಡು ಮಾತ್ರ.

7. ಗ್ರಾಮ ಪಂಚಾಯಿತಿಯ ಹೊಣೆ

ಚಾಲಕನ ವಿವೇಕವು ಪಂಚಾಯಿತಿಯ ಕೈಯಲ್ಲಿಲ್ಲ. ಆದರೆ ಕೂಡುರಸ್ತೆಯಲ್ಲಿ ಏನು ಕಾಣಬೇಕು, ಏನು ಕಾಣಬಾರದು ಎಂಬುದು ಬಹುಮಟ್ಟಿಗೆ ಅದರ ಕೈಯಲ್ಲಿದೆ.

(ಅ) ನೋಟಕ್ಕೆ ಅಡ್ಡಿಯಾಗಿರುವುದನ್ನು ತೆರವುಗೊಳಿಸುವುದು. ಹಳ್ಳಿಯ ದಾರಿಯು ಮುಖ್ಯ ರಸ್ತೆಯನ್ನು ಸೇರುವ ಎರಡೂ ಮೂಲೆಗಳಲ್ಲಿ ಜಾಲಿ, ಲಂಟಾನ ಪೊದೆಗಳು, ಹುಲ್ಲಿನ ಬಣವೆ, ಜಲ್ಲಿ ರಾಶಿ, ಗೂಡಂಗಡಿಗಳು ಇರಬಾರದು. ಹಬ್ಬ, ಜನ್ಮದಿನ ಹಾಗೂ ಅಭಿನಂದನೆಯ ಫ್ಲೆಕ್ಸ್‌ಗಳನ್ನು ಕಟ್ಟಲು ಹೆಚ್ಚಾಗಿ ಆಯ್ದುಕೊಳ್ಳುವುದು ಇದೇ ಮೂಲೆಯನ್ನು. ಅವುಗಳಲ್ಲಿ ಜನಪ್ರತಿನಿಧಿಗಳ ಭಾವಚಿತ್ರಗಳೂ ಇರುತ್ತವೆ. ತೆರವು ಕಾರ್ಯವು ಸದಸ್ಯರ ಸ್ವಂತ ಫ್ಲೆಕ್ಸ್‌ನಿಂದಲೇ ಆರಂಭವಾದರೆ ಉಳಿದವರಿಗೆ ಹೇಳುವ ನೈತಿಕ ಬಲ ದೊರೆಯುತ್ತದೆ.

(ಆ) ಬೀದಿದೀಪ. ಕೂಡುರಸ್ತೆಯ ದೀಪವು ಕೆಟ್ಟಿದ್ದರೆ ಅದರ ದುರಸ್ತಿಗೆ ಮೊದಲ ಆದ್ಯತೆ ನೀಡುವುದು.

(ಇ) ಒಕ್ಕಣೆ. ರಾಗಿ, ಹುರುಳಿಯ ಒಕ್ಕಣೆಗೆ ಡಾಂಬರು ರಸ್ತೆಯನ್ನು ಬಳಸಿದಾಗ ಒಂದು ಪಥ ಮುಚ್ಚಿಹೋಗಿ, ವಾಹನಗಳು ಎದುರು ಪಥಕ್ಕೆ ನುಗ್ಗುವುದು ಅನಿವಾರ್ಯವಾಗುತ್ತದೆ. ರೈತರನ್ನು ಗದರಿಸುವುದರಿಂದ ಇದು ನಿಲ್ಲದು. ಕ್ರಿಯಾ ಯೋಜನೆಯಲ್ಲಿ ಸಾಮೂಹಿಕ ಒಕ್ಕಣೆ ಕಣಕ್ಕೆ ಸ್ಥಾನ ನೀಡುವುದೇ ಪರಿಹಾರ.

(ಈ) ಟ್ರಾಕ್ಟರು ಮಾಲೀಕರ ಸಭೆ. ಕಟಾವಿನ ಕಾಲಕ್ಕೆ ಮುನ್ನ ಟ್ರೇಲರುಗಳ ಹಿಂಬದಿಗೆ ಕೆಂಪು ಪ್ರತಿಫಲಕ ಪಟ್ಟಿ, ಕೆಲಸ ಮಾಡುವ ಸೂಚಕ ದೀಪಗಳು ಇರುವಂತೆ ತಿಳಿವಳಿಕೆ ನೀಡುವುದು.

(ಉ) ಲಿಖಿತ ಕೋರಿಕೆ. ಮುಖ್ಯ ರಸ್ತೆಯ ಮೇಲೆ ಫಲಕ ನೆಡುವುದು, ಗೆರೆ ಎಳೆಯುವುದು, ಉಬ್ಬು ನಿರ್ಮಿಸುವುದು ಪಂಚಾಯಿತಿಯು ತಾನಾಗಿ ಮಾಡುವ ಕೆಲಸವಲ್ಲ. ಸಾಮಾನ್ಯ ಸಭೆಯಲ್ಲಿ ನಿರ್ಣಯ ಕೈಗೊಂಡು, ಸ್ಥಳದ ಛಾಯಾಚಿತ್ರ ಹಾಗೂ ಕೈನಕ್ಷೆಯೊಂದಿಗೆ ಲೋಕೋಪಯೋಗಿ ಇಲಾಖೆಗೂ ಜಿಲ್ಲಾ ರಸ್ತೆ ಸುರಕ್ಷತಾ ಸಮಿತಿಗೂ ಸಲ್ಲಿಸಬೇಕು. ರಸ್ತೆಯ ವಿನ್ಯಾಸ ಹಾಗೂ ನಿರ್ವಹಣೆಯಲ್ಲಿ ನಿಗದಿತ ಸುರಕ್ಷತಾ ಮಾನದಂಡ ಪಾಲಿಸದೆ ಸಾವು ಅಥವಾ ಅಂಗವೈಕಲ್ಯ ಸಂಭವಿಸಿದರೆ, ಹೊಣೆಗಾರ ಪ್ರಾಧಿಕಾರ ಅಥವಾ ಗುತ್ತಿಗೆದಾರರಿಗೆ 1 ಲಕ್ಷ ರೂಪಾಯಿವರೆಗೆ ದಂಡ ವಿಧಿಸಲು ಅಧಿನಿಯಮದ 198ಎ ಪ್ರಕರಣದಲ್ಲಿ ಅವಕಾಶವಿದೆ. ಲಿಖಿತ ಕೋರಿಕೆಗೆ ಇರುವ ಮಹತ್ವ ಇದರಿಂದ ಸ್ಪಷ್ಟವಾಗುತ್ತದೆ.

(ಊ) ಅಪಘಾತವಾದಾಗ. 108 ಅಥವಾ 112ಕ್ಕೆ ಕರೆ ಮಾಡಬೇಕು. ಗಾಯಾಳುವಿಗೆ ಸದುದ್ದೇಶದಿಂದ ನೆರವಾದವರನ್ನು ಸಿವಿಲ್ ಹಾಗೂ ಕ್ರಿಮಿನಲ್ ಹೊಣೆಯಿಂದ 134ಎ ಪ್ರಕರಣವು ರಕ್ಷಿಸುತ್ತದೆ. ‘ಪೊಲೀಸ್ ಕೇಸಾಗುತ್ತದೆ’ ಎಂಬ ಭಯದಿಂದ ಜನರು ದೂರ ನಿಲ್ಲದಂತೆ ಈ ಸಂಗತಿಯನ್ನು ಪ್ರತಿ ಗ್ರಾಮ ಸಭೆಯಲ್ಲಿ ತಿಳಿಸಬೇಕು.

8. ವಾರ್ಡ್ ಸಭೆಯಲ್ಲಿ ಚರ್ಚಿಸಬೇಕಾದ ಪ್ರಶ್ನೆಗಳು

1) ವಾರ್ಡಿನ ದಾರಿಯು ಮುಖ್ಯ ರಸ್ತೆಯನ್ನು ಸೇರುವಲ್ಲಿ ಬೈಕ್ ಮೇಲೆ ಕುಳಿತವನಿಗೆ ಎಡಕ್ಕೆ ಮತ್ತು ಬಲಕ್ಕೆ ಎಷ್ಟು ಮೀಟರ್ ರಸ್ತೆ ಕಾಣುತ್ತದೆ? ಹೆಜ್ಜೆಯಿಂದ ಅಳೆದು ದಾಖಲಿಸಿ.

2) ಆ ನೋಟವನ್ನು ಮರೆಮಾಡಿರುವುದು ಏನು? ಅದನ್ನು ತೆಗೆಸಬೇಕಾದವರು ಯಾರು?

3) ಶಾಲೆಯ ಮಕ್ಕಳು ಯಾವ ಸಮಯದಲ್ಲಿ, ಯಾವ ಜಾಗದಲ್ಲಿ ರಸ್ತೆ ದಾಟುತ್ತಾರೆ?

ಪಾಠದ ಸಾರ

ದ್ವಿಪಥ ರಸ್ತೆಯಲ್ಲಿ ಹಿಂದಿಕ್ಕುವವನು ಬೇರೆಯವರ ಪಥವನ್ನು ಬಳಸುತ್ತಾನೆ. ಕೂಡುರಸ್ತೆಯಲ್ಲಿ ಆ ಪಥಕ್ಕೆ ಯಾರು, ಯಾವ ಕಡೆಯಿಂದ ಬರುವರೆಂದು ಅವನು ತಿಳಿಯಲಾರ. ಅಡ್ಡರಸ್ತೆಯಿಂದ ಬರುವವರು ಅವನನ್ನು ನಿರೀಕ್ಷಿಸಲಾರರು. ಆದುದರಿಂದ ಕ್ರಾಸ್ ದಾಟುವವರೆಗೆ ಮುಂದಿನ ವಾಹನದ ಹಿಂದೆಯೇ ಸಾಗುವುದು ನಿಯಮ. ಆ ಕ್ರಾಸಿನ ಎರಡು ಮೂಲೆಗಳನ್ನು ಬಯಲಾಗಿ ಇರಿಸುವುದು ಪಂಚಾಯಿತಿಯ ಕರ್ತವ್ಯ. ಸದಸ್ಯರು ಮುಂದಿನ ಸಾಮಾನ್ಯ ಸಭೆಗೆ ಮುನ್ನ ತಮ್ಮ ವಾರ್ಡಿನ ಕೂಡುರಸ್ತೆಯನ್ನು ಖುದ್ದಾಗಿ ಪರಿಶೀಲಿಸಿ, ಮೇಲಿನ ಮೂರು ಪ್ರಶ್ನೆಗಳ ಉತ್ತರವನ್ನು ಸಭೆಯ ಮುಂದಿಡುವುದು.