ದಿಗಿಣದ ನಡುವೆ ಕತ್ತರಿ ಹಾಕಬಾರದು

ಪುತ್ತೂರು ಪೇಟೆಯ ಒಂದು ಮಾಳಿಗೆ ಕೋಣೆಯಲ್ಲಿ ಕೂತು ಇಪ್ಪತ್ತೆಂಟು ವರ್ಷದಿಂದ ಎಡಿಟಿಂಗ್ ಮಾಡುತ್ತಿದ್ದೇನೆ. ನಮ್ಮ ಕಡೆ ಹಿರಿಯರು ಇದನ್ನು ಈಗಲೂ ‘ಮಿಕ್ಸಿಂಗ್’ ಎಂದೇ ಕರೆಯುತ್ತಾರೆ. ಮದುವೆ, ಯಕ್ಷಗಾನ, ದೈವಗಳ ನೇಮ, ನಡುವೆ ಎರಡು ತುಳು ಸಿನಿಮಾ ಎಲ್ಲವೂ ಈ ಮೇಜಿನ ಮೇಲೇ ಆಗಿವೆ. ಸುಳ್ಯ, ಕಡಬ ಕಡೆಯಿಂದ ಕೆಲಸ ಕಲಿಯಲು ಬರುವ ಮಕ್ಕಳು ಮೊದಲ ದಿನವೇ ಹಾಲಿವುಡ್ ಎಡಿಟರ್‌ಗಳ ಬಗ್ಗೆ ಕೇಳುತ್ತಾರೆ. ಅವರಿಗೆ ಆಗಾಗ ಹೇಳಿದ್ದನ್ನು ಇಲ್ಲಿ ಬರೆದಿದ್ದೇನೆ.

1. ಮೊದಲು ಪೂರ್ತಿ ನೋಡಿ

1979ರಲ್ಲಿ ತೆರೆಕಂಡ ‘ಅಪೊಕ್ಯಾಲಿಪ್ಸ್ ನೌ’ ಚಿತ್ರಕ್ಕೆ 230 ಗಂಟೆಗೂ ಹೆಚ್ಚು ಚಿತ್ರೀಕರಣವಾಗಿತ್ತು. ಅದರ ಎಡಿಟರ್‌ಗಳಲ್ಲಿ ಒಬ್ಬರಾದ ವಾಲ್ಟರ್ ಮರ್ಚ್ ಲೆಕ್ಕ ಹಾಕಿದಂತೆ, ಪರದೆಯ ಮೇಲಿನ ಒಂದು ನಿಮಿಷಕ್ಕೆ 95 ನಿಮಿಷದಷ್ಟು ಫಿಲ್ಮ್ ಓಡಿತ್ತು. ಇದನ್ನು ಹೇಳಿದರೆ ಹುಡುಗರು ಬಾಯಿ ಬಿಟ್ಟು ಕೇಳುತ್ತಾರೆ. ಆದರೆ ಸುಳ್ಯದ ಒಂದು ಮದುವೆಗೆ ಮೂರು ಕ್ಯಾಮೆರಾ ಇಟ್ಟರೆ ಇಪ್ಪತ್ತು ಗಂಟೆ ನಮ್ಮಲ್ಲೂ ಸೇರುತ್ತದೆ. ಅದನ್ನು ಓಡಿಸಿ ಓಡಿಸಿ ನೋಡಿ ‘ವೇಸ್ಟ್’ ಎಂದು ಅಳಿಸುವ ಚಾಳಿ ಮಾತ್ರ ಬೇಡ.

ಒಂದು ಮದುವೆಯಲ್ಲಿ ಕ್ಯಾಮೆರಾದವನು ಆಫ್ ಮಾಡಲು ಮರೆತು ಚಹಾಕ್ಕೆ ಹೋಗಿದ್ದ. ಸ್ಟ್ಯಾಂಡಿನ ಮೇಲಿದ್ದ ಕ್ಯಾಮೆರಾ ಹನ್ನೊಂದು ನಿಮಿಷ ಚಪ್ಪರದ ಮೂಲೆಯನ್ನೇ ನೋಡುತ್ತಿತ್ತು. ಆ ಮೂಲೆಯಲ್ಲಿ ಮದುಮಗಳ ಅಜ್ಜಿ ಕುರ್ಚಿಯಲ್ಲಿ ಕೂತಿದ್ದರು. ಎಲೆಗೆ ಸುಣ್ಣ ಸವರಿ, ಅಡಿಕೆ ಇಟ್ಟು ಮಡಚಿ, ಬಾಯಿಗೆ ಹಾಕದೆ ಹಾಗೇ ಕೈಯಲ್ಲಿ ಹಿಡಿದುಕೊಂಡಿದ್ದರು. ಮದುಮಗಳು ಎದುರಿನಿಂದ ಹಾದುಹೋದಾಗ ಆ ಎಲೆ ಮಡಿಲಿಗೆ ಬಿತ್ತು, ಅವರಿಗೆ ಗೊತ್ತಾಗಲಿಲ್ಲ. ನಾನು ಅದರಲ್ಲಿ ನಲವತ್ತು ಸೆಕೆಂಡು ಇಟ್ಟೆ, ಉಳಿದದ್ದನ್ನು ಡಿಸ್ಕಿನಲ್ಲಿ ಎತ್ತಿಟ್ಟೆ. ಎರಡು ವರ್ಷದ ಮೇಲೆ ಅಜ್ಜಿ ತೀರಿಕೊಂಡರು. ಮೊಮ್ಮಗಳು ಫೋನ್ ಮಾಡಿ, “ಅಣ್ಣಾ, ಅಜ್ಜಿ ಎಲೆ ಮಡಚುವುದು ಇನ್ನೂ ಸ್ವಲ್ಪ ಉಂಟಾ?” ಎಂದು ಕೇಳಿದಳು. ಹನ್ನೊಂದು ನಿಮಿಷವನ್ನೂ ಕಳಿಸಿದೆ.

2. ಕಿವಿಯಿಂದ ಕತ್ತರಿಸಿ

ತೆಂಕುತಿಟ್ಟು ಯಕ್ಷಗಾನದ ಪುಂಡುವೇಷ ದಿಗಿಣಕ್ಕೆ, ಅಂದರೆ ಸುತ್ತಿ ಹಾರುವ ಕುಣಿತಕ್ಕೆ, ಎದ್ದಾಗ ಮೂರು ಕ್ಯಾಮೆರಾದ ಶಾಟ್‌ಗಳನ್ನು ಸರಸರನೆ ಬದಲಿಸುವ ಆಸೆ ಎಲ್ಲ ಹೊಸಬರಿಗೂ ಬರುತ್ತದೆ, ನನಗೂ ಬಂದಿತ್ತು. ನಾನು ಹಾಗೆ ಮಾಡಿದ ಒಂದು ಕ್ಯಾಸೆಟ್ ನೋಡಿದ ಉಪ್ಪಿನಂಗಡಿಯ ಹಿರಿಯರೊಬ್ಬರು ಕೇಳಿದ್ದು ಒಂದೇ ಮಾತು: “ದಿಗಿಣ ಎಷ್ಟು ಹಾಕಿದ್ದಾರೆಂದು ಇದರಲ್ಲಿ ಲೆಕ್ಕ ಹಿಡಿಯುವುದು ಹೇಗೆ ಮಾರಾಯಾ?”

ಅವರು ಹೇಳಿದ್ದು ನೂರಕ್ಕೆ ನೂರು ಸರಿ. ರಂಗಸ್ಥಳದ ಎದುರು ಕೂತವರು ದಿಗಿಣ ಎಣಿಸುತ್ತಾರೆ. ನಡುವೆ ಶಾಟ್ ಬದಲಾದರೆ ಎಣಿಕೆ ತಪ್ಪುತ್ತದೆ, ಕಲಾವಿದ ನಿಜವಾಗಿ ಅಷ್ಟು ಹಾಕಿದನೋ ಇಲ್ಲವೋ ಎಂಬ ಸಂಶಯ ಹುಟ್ಟುತ್ತದೆ. ಆ ದಣಿವು, ಆ ಬೆವರು ಅವನದು, ಅದನ್ನು ಅಲ್ಲಾಡಿಸುವ ಅಧಿಕಾರ ನನಗಿಲ್ಲ. ಅಂದಿನಿಂದ ದಿಗಿಣವನ್ನು ಒಂದೇ ಶಾಟಿನಲ್ಲಿ, ಕಾಲು ಕಾಣುವಂತೆ ಇಡುತ್ತೇನೆ. ಚೆಂಡೆಯ ಮುಕ್ತಾಯ ಬಿದ್ದು, ಅದರ ಅನುರಣನ ಆರಿದ ಮೇಲೆಯೇ ಭಾಗವತರ ಮುಖಕ್ಕೆ ಹೋಗುವುದು. ಮುಕ್ತಾಯದ ಪೆಟ್ಟಿಗೆ ಸರಿಯಾಗಿ ಕತ್ತರಿಸಿದರೆ ಚುರುಕಾಗಿ ಕಾಣುತ್ತದೆ ನಿಜ. ಆದರೆ ಆ ಪೆಟ್ಟು ಮುಗಿದ ಕೂಡಲೇ ಬರುವ ಒಂದು ಉಸಿರಿನ ಮೌನವನ್ನು ಅದು ನುಂಗಿಬಿಡುತ್ತದೆ.

3. ಕ್ರಿಯಾಪದದವರೆಗೆ ಕಾಯಿರಿ

ಇದನ್ನು ಯಾವ ಇಂಗ್ಲಿಷ್ ಪುಸ್ತಕವೂ ನನಗೆ ಕಲಿಸಲಿಲ್ಲ. ಇಂಗ್ಲಿಷಿನಲ್ಲಿ ‘ಇಲ್ಲ’ ಎಂಬುದು ವಾಕ್ಯದಲ್ಲಿ ಬೇಗ ಬಂದುಬಿಡುತ್ತದೆ. ಹಾಗಾಗಿ ಕೇಳುವವರ ಮುಖಕ್ಕೆ ಮಾತಿನ ನಡುವೆಯೇ ಹೋದರೂ ನಡೆಯುತ್ತದೆ. ತುಳುವಿನಲ್ಲಿ ‘ಯಾನ್ ಬರ್ಪೆ’ ಎಂದರೆ ಬರುತ್ತೇನೆ, ‘ಯಾನ್ ಬರ್ಪುಜಿ’ ಎಂದರೆ ಬರುವುದಿಲ್ಲ. ಇಡೀ ಮಾತು ಕೊನೆಯ ಎರಡಕ್ಷರದಲ್ಲಿ ತಿರುಗುತ್ತದೆ. ಕನ್ನಡದಲ್ಲೂ ಹೆಚ್ಚುಕಡಿಮೆ ಅಷ್ಟೇ. ಆ ಅಕ್ಷರ ಬೀಳುವ ಮೊದಲೇ ತಾಯಿಯ ಕಣ್ಣು ತುಂಬಿದ್ದನ್ನು ತೋರಿಸಿದರೆ, ಪ್ರೇಕ್ಷಕರಿಗೆ ಎಲ್ಲಿ ಎಂದು ಹೇಳಲಾಗದಿದ್ದರೂ ಏನೋ ಸುಳ್ಳು ಎನಿಸುತ್ತದೆ. ನಾನು ಕೆಲಸ ಮಾಡಿದ ಮೊದಲ ತುಳು ಸಿನಿಮಾದಲ್ಲಿ ಒಂದು ಶಾಟನ್ನು ಬರೀ ಅರ್ಧ ಸೆಕೆಂಡು ತಡವಾಗಿ ತರಲು ಎರಡು ರಾತ್ರಿ ಕಳೆದೆ.

ನಮ್ಮ ಮೂರು ತಾಲೂಕಿನಲ್ಲಿ ತುಳು, ಅರೆಭಾಷೆ, ಹವ್ಯಕ, ಬ್ಯಾರಿ, ಮಲಯಾಳ, ಕೊಂಕಣಿ ಒಂದೇ ಬಸ್ಸಿನಲ್ಲಿ ಕೇಳುತ್ತವೆ. ಎಡಿಟರ್ ಆಗಬೇಕೆನ್ನುವವರು ಆ ಬಸ್ಸಿನಲ್ಲಿ ಇಯರ್‌ಫೋನ್ ಹಾಕಿಕೊಳ್ಳಬೇಡಿ.

4. ಗುರುಗಳು ಇಲ್ಲೇ ಇದ್ದರು

ಪರ್ಲಡ್ಕದ ಬಾಲವನಕ್ಕೆ ಪ್ರತಿಯೊಬ್ಬ ಹುಡುಗನನ್ನೂ ಒಮ್ಮೆ ಕಳಿಸುತ್ತೇನೆ. ಅಲ್ಲಿದ್ದ ಸಾಹಿತಿ ಶಿವರಾಮ ಕಾರಂತರು ಮೂಕಿ ಚಿತ್ರದ ಕಾಲದಲ್ಲೇ ಸಿನಿಮಾಕ್ಕೆ ಕೈಹಾಕಿದವರು. 1978ರಲ್ಲಿ ತಮ್ಮ ‘ಕುಡಿಯರ ಕೂಸು’ ಕಾದಂಬರಿಯನ್ನು ‘ಮಲೆಯ ಮಕ್ಕಳು’ ಎಂದು ತಾವೇ ಚಿತ್ರ ಮಾಡಿದರು. ಅವರ ‘ಚೋಮನ ದುಡಿ’ಯನ್ನು ಬಿ. ವಿ. ಕಾರಂತರು 1975ರಲ್ಲಿ ತೆರೆಗೆ ತಂದರು. ಶಬ್ದವೊಂದು ಇಡೀ ಕಥೆಯನ್ನು ಹೊರುವುದು ಹೇಗೆಂದು ಅದರ ದುಡಿಯಿಂದ ಕಲಿಯಬೇಕು.

5. ಎರಡು ಕಡೆ ಇಡಿ, ಒಣಗಿಸಿ ಇಡಿ

ಶುರುವಿನ ವರ್ಷಗಳಲ್ಲಿ ಒಂದು ಮದುವೆಯ ಧಾರೆಯ ಟೇಪಿನ ಮೇಲೆಯೇ ಮತ್ತೊಂದು ಕಾರ್ಯಕ್ರಮ ರೆಕಾರ್ಡ್ ಮಾಡಿಬಿಟ್ಟೆ. ಟೇಪಿಗೆ ಚೀಟಿ ಅಂಟಿಸಿರಲಿಲ್ಲ. ಆ ಮನೆಗೆ ಹೋಗಿ ಹೇಳಿದೆ. ಮದುಮಗಳ ತಂದೆ ಬೈಯಲಿಲ್ಲ, ಒಂದು ಲೋಟ ನೀರು ತರಿಸಿ ಕೊಟ್ಟರು. ಆ ಲೋಟ ಇವತ್ತಿಗೂ ಕಣ್ಣಿಗೆ ಕಟ್ಟಿದ ಹಾಗಿದೆ. ಚೀಟಿ ಬರೆಯದೆ ಈಗ ಯಾವ ಕಾರ್ಡೂ ನನ್ನ ಮೇಜು ದಾಟುವುದಿಲ್ಲ.

ಬೇಸಗೆಯ ಕೊನೆಗೆ ಪತ್ತನಾಜೆಯ ದಿನ ಕಳೆದು ಯಕ್ಷಗಾನ ಮೇಳಗಳು ಗೆಜ್ಜೆ ಬಿಚ್ಚಿದ ಮೇಲೆ, ಬಾಕಿಯಾದ ಕೆಲಸವೆಲ್ಲ ಮಳೆಗಾಲದಲ್ಲಿ ನಮ್ಮ ಮೇಲೆ ಬೀಳುತ್ತದೆ. ಟೇಪಿಗೂ ಲೆನ್ಸಿಗೂ ಬೂಷ್ಟು ಹಿಡಿಯುವ ಕಾಲವೂ ಅದೇ. ಕಪಾಟಿನೊಳಗೆ ಒಂದು ಜೀರೋ ಬಲ್ಬು ಸದಾ ಉರಿಯುತ್ತಿರಲಿ.

6. ಕಾಲ ಹಿಡಿಯುತ್ತದೆ

ಮಾರ್ಗರೆಟ್ ಬೂತ್ ಎಂಬ ಹುಡುಗಿ ಡಿ. ಡಬ್ಲ್ಯು. ಗ್ರಿಫಿತ್ ಅವರಲ್ಲಿ ಫಿಲ್ಮ್ ತುಂಡುಗಳನ್ನು ಜೋಡಿಸುವ ಕೆಲಸಕ್ಕೆ ಸೇರಿದ್ದಳು. ಮುಂದೆ ಎಂಜಿಎಂ ಸ್ಟುಡಿಯೋದ ಎಡಿಟಿಂಗ್ ವಿಭಾಗದ ಮುಖ್ಯಸ್ಥೆಯಾಗಿ 1968ರವರೆಗೆ ಇದ್ದರು. ನಾನೂ ಹಾಗೇ ಕೆಳಗಿನಿಂದ, ಎರಡು ವಿಸಿಆರ್ ನಡುವೆ ಟೇಪ್ ಓಡಿಸುತ್ತಾ ಕಲಿತವನು. ನಲವತ್ತನೇ ನಿಮಿಷದಲ್ಲಿ ಒಂದು ಶಾಟ್ ಬಿಟ್ಟುಹೋದರೆ ಅಲ್ಲಿಂದ ಮುಂದಿನದೆಲ್ಲ ಹೊಸದಾಗಿ ಮಾಡಬೇಕಿತ್ತು. ಈಗ ಒಂದು ಬಟನ್ ಸಾಕು. ಆದರೆ ಯಾವ ಶಾಟ್ ಎಂದು ತಿಳಿಯಲು ಆಗಲೂ ಈಗಲೂ ಐದಾರು ವರ್ಷ ಬೇಕು.

7. ನೇಮಕ್ಕೆ ಸಂಗೀತ ಸೇರಿಸಬೇಡಿ

2022ರಲ್ಲಿ ‘ಕಾಂತಾರ’ ಬಂದ ಮೇಲೆ, ಮನೆಯ ನೇಮದ ವಿಡಿಯೋಗೆ ಆ ಸಿನಿಮಾದ ಕೂಗು, ಆ ಹಿನ್ನೆಲೆ ಸಂಗೀತ ಹಾಕಿಕೊಡಿ ಎಂದು ಕೇಳುವವರು ಬಂದರು. ಸಿನಿಮಾ ನನಗೂ ಇಷ್ಟ. ಆದರೂ ಹಾಕಿ ಕೊಡಲಿಲ್ಲ. ನೇಮದಲ್ಲಿ ಪಾಡ್ದನದ ದನಿ ಉಂಟು, ತೆಂಬರೆ ವಾದ್ಯ ಉಂಟು, ದೈವದ ಕಾಲಿನ ಗಗ್ಗರದ ಸದ್ದು ಉಂಟು. ದೈವ ನುಡಿ ಕೊಡುವಾಗ ಕೈಮುಗಿದು ನಿಂತವರ ಉಸಿರೂ ಕೇಳುತ್ತದೆ. ಅಲ್ಲಿ ನಿಧಾನಗತಿ ಮಾಡುವುದಿಲ್ಲ, ಬಣ್ಣ ಏರಿಸುವುದಿಲ್ಲ. ಕೆಲಸ ಮುಗಿದ ಮೇಲೆ ಮೊದಲು ಗುತ್ತಿನ ಮನೆಯ ಯಜಮಾನರಿಗೆ ತೋರಿಸುತ್ತೇನೆ. ಅವರು ಒಮ್ಮೊಮ್ಮೆ ಪರದೆಯ ಕಡೆ ಬೆರಳು ತೋರಿಸಿ, “ಇದು ಬೇಡ” ಎನ್ನುತ್ತಾರೆ. ಯಾಕೆಂದು ಕೇಳದೆ ತೆಗೆಯುತ್ತೇನೆ.