ಪದಬಂಧದ ಮನೆಗಳೂ ಆಕಾಶದ ಭಯಗಳೂ

ನೂರು ವರ್ಷಗಳಿಗೂ ಹಿಂದೆ, ಮೂರೇ ತಿಂಗಳ ಅವಧಿಯಲ್ಲಿ, ಒಂದಕ್ಕೊಂದು ಸಂಬಂಧವಿಲ್ಲವೆಂದು ತೋರುವ ಮೂರು ಸಂಗತಿಗಳು ನಡೆದುವು. 1913ರ ನವೆಂಬರಿನಲ್ಲಿ ಲಂಡನ್ನಿನ ‘ಸ್ಟ್ರ್ಯಾಂಡ್’ ಮಾಸಪತ್ರಿಕೆಯು, ಷರ್ಲಾಕ್ ಹೋಮ್ಸ್‌ನ ಸೃಷ್ಟಿಕರ್ತನಾದ ಆರ್ಥರ್ ಕಾನನ್ ಡಾಯ್ಲ್ ಬರೆದ ಭಯಾನಕ ಕಥೆಯೊಂದನ್ನು ಅಚ್ಚು ಮಾಡಿತು. ಮುಗಿಲುಗಳಾಚೆಗೆ ಏರಿದ ವೈಮಾನಿಕನೊಬ್ಬನ ಕಥೆ ಅದು. ಡಿಸೆಂಬರ್ 21ರಂದು ‘ನ್ಯೂಯಾರ್ಕ್ ವರ್ಲ್ಡ್’ ಪತ್ರಿಕೆಯಲ್ಲಿ ಆರ್ಥರ್ ವಿನ್ ಎಂಬಾತನು ರಚಿಸಿದ ವಜ್ರಾಕೃತಿಯ ಒಗಟು ಕಾಣಿಸಿಕೊಂಡಿತು. ಇಂದಿನ ಪದಬಂಧಗಳಿಗೆಲ್ಲ ಅದೇ ಮೂಲ. 1914ರ ಜನವರಿ 1ರಂದು ಅಮೆರಿಕದ ಫ್ಲಾರಿಡಾ ಪ್ರಾಂತದಲ್ಲಿ ಸೇಂಟ್ ಪೀಟರ್ಸ್‌ಬರ್ಗಿನಿಂದ ಟ್ಯಾಂಪಾ ನಗರಕ್ಕೆ, ಗೊತ್ತುಪಡಿಸಿದ ವೇಳಾಪಟ್ಟಿಯಂತೆ ಪ್ರಯಾಣಿಕನನ್ನು ಹೊತ್ತ ಮೊದಲ ವಿಮಾನ ಹಾರಿತು. ಪ್ರಯಾಣಿಕ ಒಬ್ಬನೇ, ಪ್ರಯಾಣದ ಅವಧಿ ಸುಮಾರು 23 ನಿಮಿಷ.

ಇಂದು ಈ ಮೂರೂ ಒಂದೇ ಬೆಂಚಿನ ಮೇಲೆ ಸೇರುವುದನ್ನು ನೋಡಬೇಕಾದರೆ ದೇವನಹಳ್ಳಿಗೆ ಹೋದರೆ ಸಾಕು. ಅಲ್ಲಿಯ ವಿಮಾನ ನಿಲ್ದಾಣವು 2008ರ ಮೇ 24ರಂದು ಆರಂಭವಾಯಿತು. ಹೊರಡುವ ವೇಳೆಗಾಗಿ ಕಾದು ಕುಳಿತವರಲ್ಲಿ ಒಬ್ಬರ ಕೈಯಲ್ಲಿ ಪದಬಂಧ, ಮತ್ತೊಬ್ಬರ ಕೈಯಲ್ಲಿ ವೈಜ್ಞಾನಿಕ ಕಾದಂಬರಿ ಇಲ್ಲವೆ ಭೂತದ ಕಥೆ. ಗಾಜಿನ ಗೋಡೆಯ ಹೊರಗೆ ವಿಮಾನ. ಪದಬಂಧ ಬಿಡಿಸುವುದು, ಕಥೆ ಓದುವುದು, ವಿಮಾನ ನಡೆಸುವುದು ಎಂಬ ಈ ಮೂರು ಕೆಲಸಗಳಿಗೂ ಬೇಕಾದ ಬುದ್ಧಿಯ ಅಭ್ಯಾಸವೊಂದಿದೆ. ಕನ್ನಡದಲ್ಲಿ ಅದಕ್ಕೆ ಹಳೆಯ ಮಾತೇ ಉಂಟು: ತಾಳೆ ನೋಡುವುದು. ಆ ಅಭ್ಯಾಸವನ್ನು ನಾವು ಇಲ್ಲಿ ಪರಿಶೀಲಿಸೋಣ.

ಒಂದು ಸುಳಿವು, ಎರಡು ಉತ್ತರ

ಕನ್ನಡ ಪದಬಂಧದಲ್ಲಿ ಒಂದು ಮನೆಗೆ ಒಂದು ಅಕ್ಷರ. ಇಂಗ್ಲಿಷಿನಂತೆ ವ್ಯಂಜನಕ್ಕೊಂದು, ಸ್ವರಕ್ಕೊಂದು ಮನೆಯಲ್ಲ. ಕಾಗುಣಿತವೆಲ್ಲ ಸೇರಿ ಒಂದೇ ಮನೆ. ಆದುದರಿಂದ ‘ಪ’ ಬೇರೆ, ‘ಪು’ ಬೇರೆ. ಈ ನಿಯಮವನ್ನು ನೆನಪಿನಲ್ಲಿಟ್ಟುಕೊಂಡು ಕೆಳಗಿನ ಸುಳಿವನ್ನು ನೋಡಿ.

ಎಡದಿಂದ ಬಲಕ್ಕೆ: ‘ದೇವಾಲಯದ ಮೇಲೆ ನಿಂತಿರುವುದು (3)’.

ಕೂಡಲೇ ಹೊಳೆಯುವ ಉತ್ತರ ‘ಗೋಪುರ’. ಮೂರು ಅಕ್ಷರ, ಮೂರು ಮನೆಗಳೂ ತುಂಬುತ್ತವೆ. ಇದರ ಮೂರನೆಯ ಮನೆಯಲ್ಲಿ ಮೇಲಿನಿಂದ ಬಂದ ಪದವೊಂದು ಮುಗಿಯುತ್ತದೆ. ಅದರ ಸುಳಿವು ‘ಆಕಾಶ (3)’. ‘ಗೋಪುರ’ದ ಕೊನೆಯ ‘ರ’ ನಮ್ಮ ಕೈಯಲ್ಲಿದೆ. ‘ಅಂಬರ’ ಎಂದು ಬರೆಯುತ್ತೇವೆ. ಎರಡೂ ಉತ್ತರಗಳು ಒಂದನ್ನೊಂದು ಸಮರ್ಥಿಸಿದುವು. ಇನ್ನು ಸಂಶಯವೇಕೆಂದು ಶಾಯಿಯ ಲೇಖನಿ ಹಿಡಿಯುವವರೇ ಹೆಚ್ಚು.

ಆದರೆ ಎರಡನೆಯ ಮನೆಯಿಂದಲೂ ಪದವೊಂದು ಕೆಳಗಿಳಿಯುತ್ತದೆ: ‘ಗಾಳಿ; ಹನುಮಂತನ ತಂದೆ (3)’. ‘ಪವನ’ ಎನ್ನೋಣವೆಂದರೆ ನಮ್ಮ ಮನೆಯಲ್ಲಿರುವುದು ‘ಪು’, ‘ಪ’ ಅಲ್ಲ. ‘ಪು’ವಿನಿಂದ ಆರಂಭವಾಗುವ ಮೂರಕ್ಷರದ ವಾಯುನಾಮ ನಮಗೆ ಸಿಗುವುದಿಲ್ಲ. ಈಗ ಸುಳಿವನ್ನು ಮತ್ತೆ ಓದಬೇಕು. ದೇವಾಲಯದ ಗರ್ಭಗುಡಿಯ ಮೇಲೆ ಎದ್ದಿರುವ ಭಾಗಕ್ಕೆ ಶಿಲ್ಪಶಾಸ್ತ್ರದಲ್ಲಿ ‘ವಿಮಾನ’ವೆಂದೇ ಹೆಸರು; ಗೋಪುರವು ದಕ್ಷಿಣದ ಶೈಲಿಯಲ್ಲಿ ಮುಖ್ಯವಾಗಿ ಬಾಗಿಲ ಮೇಲಿನದು. ‘ವಿಮಾನ’ ಎಂದು ಬರೆದೊಡನೆ ‘ಮಾ’ದಿಂದ ‘ಮಾರುತ’ ಇಳಿಯುತ್ತದೆ. ‘ನ’ದಲ್ಲಿ ‘ಗಗನ’ ಬಂದು ಮುಗಿಯುತ್ತದೆ. ಮೂರು ಉತ್ತರಗಳೂ ತಾಳೆಯಾದುವು.

ಇಲ್ಲಿ ಎರಡು ಪಾಠಗಳಿವೆ. ಮೊದಲನೆಯದು: ಮನೆ ತುಂಬಿದ ಮಾತ್ರಕ್ಕೆ ಉತ್ತರ ಸರಿಯಲ್ಲ. ಎರಡನೆಯದು ಇನ್ನೂ ಮುಖ್ಯವಾದುದು: ಎರಡು ತಪ್ಪುಗಳು ಒಂದಕ್ಕೊಂದು ಸಾಕ್ಷಿ ಹೇಳಬಲ್ಲವು. ‘ಅಂಬರ’ವನ್ನು ನಾವು ಆರಿಸಿದುದು ‘ಗೋಪುರ’ವನ್ನು ನಂಬಿದುದರಿಂದಲೇ, ಆದಕಾರಣ ಅದು ಸ್ವತಂತ್ರ ಸಾಕ್ಷಿಯಲ್ಲ. ಮೂರನೆಯ ಪದವೊಂದು ಬೇರೊಂದು ದಿಕ್ಕಿನಿಂದ ಬಂದು ಹಾಯುವವರೆಗೂ ಸೀಸದಕಡ್ಡಿಯೇ ಮೇಲು.

ಎತ್ತರದ ಭಯ

ಈಗ ಕಾನನ್ ಡಾಯ್ಲ್‌ನ ಕಥೆಗೆ ಬರೋಣ. ಅದರ ಹೆಸರು ‘ದಿ ಹಾರರ್ ಆಫ್ ದಿ ಹೈಟ್ಸ್’. ಜಾಯ್ಸ್-ಆರ್ಮ್‌ಸ್ಟ್ರಾಂಗ್ ಎಂಬ ವೈಮಾನಿಕನು 40,000 ಅಡಿ, ಅಂದರೆ ಸುಮಾರು 12 ಕಿಲೋಮೀಟರ್ ಎತ್ತರಕ್ಕೇರಿ, ಅಲ್ಲಿ ಲೋಳೆಯಂಥ ಮೈಯ ಪ್ರಾಣಿಗಳು ಗಾಳಿಯಲ್ಲಿ ತೇಲುವುದನ್ನು ಕಾಣುತ್ತಾನೆ. ಕೊನೆಗೆ ರಕ್ತದ ಕಲೆಯಾದ ಅವನ ಟಿಪ್ಪಣಿ ಪುಸ್ತಕ ದೊರೆಯುತ್ತದೆ. 1913ರಲ್ಲಿ ವಿಮಾನಗಳು ಏರಿದ್ದ ಗರಿಷ್ಠ ಎತ್ತರ 6 ಕಿಲೋಮೀಟರಿನ ಆಸುಪಾಸು. ಅದಕ್ಕೂ ಮೇಲೆ ಮನುಷ್ಯನು ವಿಮಾನದಲ್ಲಿ ಹೋಗಿರಲಿಲ್ಲ. ಪದಬಂಧದ ಭಾಷೆಯಲ್ಲಿ ಹೇಳುವುದಾದರೆ ಆ ಎತ್ತರವು ಒಂದು ಬರಿದಾದ ಮನೆ. ಡಾಯ್ಲ್ ಅದನ್ನು ತನ್ನ ಕಲ್ಪನೆಯಿಂದ ತುಂಬಿದನು.

ಆತನ ಜಾಣತನವಿರುವುದು ಇಲ್ಲಿಯೇ. ಗೊತ್ತಿದ್ದ ಮನೆಗಳನ್ನು ಆತ ಕೆಡಿಸಲಿಲ್ಲ. ಮೇಲೇರಿದಂತೆ ಚಳಿ ಹೆಚ್ಚುವುದು, ಗಾಳಿ ತೆಳುವಾಗುವುದು, ಉಸಿರಾಟಕ್ಕೆ ಆಮ್ಲಜನಕದ ಚೀಲವನ್ನು ಒಯ್ಯಬೇಕಾಗುವುದು ಇವೆಲ್ಲ ಕಥೆಯಲ್ಲಿ ಬರುತ್ತವೆ. ತಿಳಿದುದನ್ನು ಗೌರವಿಸಿ, ತಿಳಿಯದುದನ್ನು ಊಹಿಸುವುದು ಒಳ್ಳೆಯ ವೈಜ್ಞಾನಿಕ ಕಥೆಯ ಲಕ್ಷಣ.

ಇಂದು ಆ ಮನೆಗೆ ಉತ್ತರ ಬಂದಿದೆ. ದೇವನಹಳ್ಳಿಯಿಂದ ದೂರದ ಊರುಗಳಿಗೆ ಹೊರಟ ದೊಡ್ಡ ವಿಮಾನಗಳು 10ರಿಂದ 12 ಕಿಲೋಮೀಟರ್ ಎತ್ತರದಲ್ಲಿಯೇ ಸಾಗುತ್ತವೆ. ಲೋಳೆಯ ಪ್ರಾಣಿಗಳು ಯಾರಿಗೂ ಎದುರಾಗಿಲ್ಲ. ಆದರೆ ಭಯಪಡತಕ್ಕ ವಸ್ತು ಅಲ್ಲಿ ನಿಜವಾಗಿಯೂ ಇದೆ. 12 ಕಿಲೋಮೀಟರ್ ಎತ್ತರದಲ್ಲಿ ಗಾಳಿಯ ಒತ್ತಡ ಸಮುದ್ರಮಟ್ಟದಲ್ಲಿರುವುದರ ಐದನೆಯ ಒಂದು ಭಾಗಕ್ಕಿಂತ ಸ್ವಲ್ಪ ಕಡಿಮೆ. ಉಷ್ಣತೆ ಸೊನ್ನೆಗಿಂತ 56 ಡಿಗ್ರಿಗಳಷ್ಟು ಕೆಳಗೆ. ಅಲ್ಲಿ ರಕ್ಷಣೆಯಿಲ್ಲದ ಮನುಷ್ಯನ ಎಚ್ಚರ ಅರ್ಧ ನಿಮಿಷವೂ ಉಳಿಯುವುದಿಲ್ಲ. ವಿಮಾನದ ಒಳಗೆ ಗಾಳಿಯನ್ನು ಒತ್ತಿ ತುಂಬಿ, ಸುಮಾರು 2,400 ಮೀಟರ್ ಎತ್ತರದ ಬೆಟ್ಟದ ಮೇಲಿರುವಷ್ಟಾದರೂ ಒತ್ತಡವಿರುವಂತೆ ನೋಡಿಕೊಳ್ಳುವುದರಿಂದಲೇ ನಾವು ಅಲ್ಲಿ ಕುಳಿತು ಭೂತದ ಕಥೆಯನ್ನು ಓದಲು ಸಾಧ್ಯವಾಗಿದೆ.

ಕಥೆಗಿಂತಲೂ ಮೈ ನಡುಗಿಸುವ ನಿಜ ಘಟನೆ 1862ರ ಸೆಪ್ಟೆಂಬರ್ 5ರಂದು ನಡೆಯಿತು. ಜೇಮ್ಸ್ ಗ್ಲೇಷರ್ ಎಂಬ ಹವಾಮಾನಶಾಸ್ತ್ರಜ್ಞನೂ ಹೆನ್ರಿ ಕಾಕ್ಸ್‌ವೆಲ್ ಎಂಬ ಬಲೂನು ಚಾಲಕನೂ ಇಂಗ್ಲೆಂಡಿನ ವುಲ್ವರ್‌ಹ್ಯಾಂಪ್ಟನ್ ನಗರದಿಂದ ತೆರೆದ ಬುಟ್ಟಿಯ ಬಲೂನಿನಲ್ಲಿ ಏರಿದರು. ಸುಮಾರು 8,800 ಮೀಟರ್ ಎತ್ತರದಲ್ಲಿ ಗ್ಲೇಷರ್ ಪ್ರಜ್ಞೆ ತಪ್ಪಿದನು. ಕಾಕ್ಸ್‌ವೆಲ್‌ನ ಕೈಗಳು ಚಳಿಗೆ ಮರಗಟ್ಟಿದ್ದುವು. ಅನಿಲವನ್ನು ಹೊರಬಿಡುವ ಹಗ್ಗವನ್ನು ಆತ ಹಲ್ಲಿನಿಂದ ಕಚ್ಚಿ ಎಳೆದುದರಿಂದ ಬಲೂನು ಕೆಳಗಿಳಿಯಿತು, ಇಬ್ಬರೂ ಬದುಕಿದರು. ತಾವು 11 ಕಿಲೋಮೀಟರ್ ಏರಿದ್ದೆವೆಂದು ಆಮೇಲೆ ಅವರು ಲೆಕ್ಕ ಹಾಕಿದರು. ಅದು ಅಳತೆಯಲ್ಲ, ಅಂದಾಜು. ಇಂದಿನವರು ಅದನ್ನು ಒಪ್ಪುವುದಿಲ್ಲ. ಉಪಕರಣದಲ್ಲಿ ಕಣ್ಣಾರೆ ಓದಿದ ಎತ್ತರವು ಶಾಯಿಯಲ್ಲಿ ಬರೆದುದು, ಉಳಿದುದು ಸೀಸದಕಡ್ಡಿಯದು.

ಗೋಪುರಕ್ಕೆ ಅಂಬರವೇ ಸಾಕ್ಷಿ

ಕಥೆಯು ತಾನು ಕಥೆಯೆಂದು ಒಪ್ಪಿಕೊಂಡಾಗ ಅಪಾಯವಿಲ್ಲ. ಪೂರ್ಣಚಂದ್ರ ತೇಜಸ್ವಿಯವರ ‘ಕರ್ವಾಲೊ’ (1980) ಕಾದಂಬರಿಯು ಹಾರುವ ಓತಿಯೊಂದನ್ನು ಅರಸುತ್ತ ಕಾಡಿಗಿಳಿಯುತ್ತದೆ. ಪಶ್ಚಿಮ ಘಟ್ಟಗಳಲ್ಲಿ ಪಕ್ಕೆಲುಬುಗಳ ಮೇಲಿನ ಚರ್ಮವನ್ನು ಹರಡಿ ಮರದಿಂದ ಮರಕ್ಕೆ ತೇಲುವ ಓತಿ ನಿಜವಾಗಿಯೂ ಉಂಟು. ಕಾದಂಬರಿಯ ಓತಿ ಎಲ್ಲಿ ಮುಗಿಯುತ್ತದೆ, ಕಾಡಿನ ಓತಿ ಎಲ್ಲಿ ಆರಂಭವಾಗುತ್ತದೆ ಎಂದು ವಿಚಾರಿಸುವುದೇ ಓದುಗನಿಗೆ ಸೊಗಸಾದ ಕೆಲಸ. ಊಹೆಯನ್ನು ಅಳತೆಯೆಂದು ಕೊಟ್ಟಾಗ ಮಾತ್ರ ತೊಡಕು ಹುಟ್ಟುತ್ತದೆ. ಇದಕ್ಕೆ ನಮ್ಮ ನಾಡಿನಲ್ಲೇ ಒಂದು ನಿದರ್ಶನವಿದೆ.

ಆನೇಕಲ್ಲಿನ ಪಂಡಿತ ಸುಬ್ಬರಾಯ ಶಾಸ್ತ್ರಿಗಳು 1918ರಿಂದ 1923ರವರೆಗೆ ಹೇಳಿ ಬರೆಯಿಸಿದರೆನ್ನಲಾದ ‘ವೈಮಾನಿಕ ಶಾಸ್ತ್ರ’ವೆಂಬ ಸಂಸ್ಕೃತ ಗ್ರಂಥವೊಂದಿದೆ. ಭರದ್ವಾಜ ಮಹರ್ಷಿಯ ಕೃತಿಯೆಂದು ಪ್ರಚಾರವಾದ ಅದರಲ್ಲಿ ಶಕುನ, ಸುಂದರ, ರುಕ್ಮ, ತ್ರಿಪುರ ಎಂಬ ವಿಮಾನಗಳ ವರ್ಣನೆಯೂ ಚಿತ್ರಗಳೂ ಇವೆ. 1974ರಲ್ಲಿ ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಮುಕುಂದ, ದೇಶಪಾಂಡೆ, ನಾಗೇಂದ್ರ, ಪ್ರಭು, ಗೋವಿಂದರಾಜು ಎಂಬ ಐವರು ವಿದ್ವಾಂಸರು ಈ ಗ್ರಂಥವನ್ನು ಪರೀಕ್ಷಿಸಿ ವರದಿಯನ್ನು ಪ್ರಕಟಿಸಿದರು.

ಅವರು ಗ್ರಂಥವನ್ನು ಹಳಿಯಲೂ ಇಲ್ಲ, ಹೊಗಳಲೂ ಇಲ್ಲ, ತಾಳೆ ನೋಡಿದರು. ಗ್ರಂಥದ ಇತಿಹಾಸವನ್ನು ವಿಚಾರಿಸಿದರು. ಭಾಷೆಯನ್ನು ನೋಡಿದರು, ಅದು ವೇದಕಾಲದ ಸಂಸ್ಕೃತವಲ್ಲ, ಈಚಿನದೆಂದು ಕಂಡಿತು. ಆಕಾರ, ತೂಕ, ಗಾಳಿಯ ಎತ್ತುಬಲಗಳನ್ನು ವಾಯುಯಾನ ವಿಜ್ಞಾನದ ನಿಯಮಗಳೊಡನೆ ಹೋಲಿಸಿದರು. ಗ್ರಂಥವು 1904ಕ್ಕಿಂತ ಹಿಂದಿನದಾಗಲಾರದು, ಅದರಲ್ಲಿ ವರ್ಣಿಸಿದ ಯಾವ ವಿಮಾನವೂ ಹಾರಲಾರದು ಎಂಬುದು ಅವರ ತೀರ್ಮಾನ.

ಇದರಲ್ಲಿ ನಾವು ಗಮನಿಸತಕ್ಕ ಅಂಶ ಬೇರೊಂದಿದೆ. ಗ್ರಂಥದ ಮಾತಿಗೆ ಅದರ ಚಿತ್ರಗಳೇ ಸಾಕ್ಷಿಯೆಂದು ಬಹುಮಂದಿ ತಿಳಿದಿದ್ದರು. ಆದರೆ ಚಿತ್ರಗಳನ್ನು ಬರೆದುದು ಶಾಸ್ತ್ರಿಗಳ ನಿರ್ದೇಶನದಂತೆಯೇ, 1923ರಲ್ಲಿ. ಅದು ಗೋಪುರಕ್ಕೆ ಅಂಬರ ಹೇಳಿದ ಸಾಕ್ಷಿ. ಭಾಷೆ, ಇತಿಹಾಸ, ಗತಿವಿಜ್ಞಾನಗಳು ಬೇರೆ ದಿಕ್ಕುಗಳಿಂದ ಬಂದು ಹಾಯ್ದಾಗ ಮನೆಗಳು ಹೊಂದಲಿಲ್ಲ. ಪುರಾಣದ ಪುಷ್ಪಕ ವಿಮಾನಕ್ಕೆ ಇದರಿಂದ ಯಾವ ಕೊರತೆಯೂ ಬರುವುದಿಲ್ಲ. ಕಾವ್ಯವಾಗಿ ಅದು ಇಂದಿಗೂ ಹಾರುತ್ತಿದೆ.

ಪ್ರಾಣದ ಪ್ರಶ್ನೆ

ತಾಳೆ ನೋಡುವುದು ಬಿಡುವಿನ ವೇಳೆಯ ಆಟವೆಂದು ವಾಚಕರು ಭಾವಿಸಬಾರದು. ವಿಮಾನ ಚಾಲಕನಿಗೆ ಅದು ಕ್ಷಣಕ್ಷಣದ ಕರ್ತವ್ಯ.

ದೇವನಹಳ್ಳಿಯ ವಿಮಾನ ನಿಲ್ದಾಣವು ಸಮುದ್ರಮಟ್ಟದಿಂದ ಸುಮಾರು 915 ಮೀಟರ್, ಎಂದರೆ 3,000 ಅಡಿ ಎತ್ತರದಲ್ಲಿದೆ. ವಿಮಾನದ ಎತ್ತರಮಾಪಕವು ವಾಸ್ತವವಾಗಿ ಗಾಳಿಯ ಒತ್ತಡವನ್ನು ಅಳೆಯುವ ಉಪಕರಣ. ಅಂದಿನ ಒತ್ತಡಕ್ಕೆ ಅದನ್ನು ಸರಿಪಡಿಸಿದಾಗ, ನೆಲದ ಮೇಲೆ ನಿಂತಿರುವಾಗಲೇ ಅದು ಸುಮಾರು 3,000 ಅಡಿ ತೋರಿಸಬೇಕು. ತೋರಿಸದಿದ್ದರೆ ಎಲ್ಲಿಯೋ ತಪ್ಪಿದೆಯೆಂದು ಅರ್ಥ. ಅಲ್ಲಿಯ ಎರಡು ಓಡುದಾರಿಗಳೂ 4,000 ಮೀಟರ್ ಉದ್ದದವು. ಅವುಗಳ ಪಶ್ಚಿಮದ ತುದಿಯಲ್ಲಿ 09 ಎಂದೂ ಪೂರ್ವದ ತುದಿಯಲ್ಲಿ 27 ಎಂದೂ ದೊಡ್ಡ ಅಂಕಿಗಳಿವೆ. ಇವು ದಿಕ್ಸೂಚಿಯ ಅಂಶಗಳ ಹತ್ತನೆಯ ಒಂದು ಭಾಗ: 09 ಎಂದರೆ 90 ಅಂಶ, ಪೂರ್ವ, 27 ಎಂದರೆ 270 ಅಂಶ, ಪಶ್ಚಿಮ. ಓಡುದಾರಿಗೆ ಬಂದು ನಿಂತ ಚಾಲಕನು ನೆಲದ ಅಂಕಿಯನ್ನೂ ಮುಂದಿರುವ ದಿಕ್ಸೂಚಿಯನ್ನೂ ಹೋಲಿಸುತ್ತಾನೆ. ಎರಡು ದಾರಿಗಳೂ ಸಮಾನಾಂತರವಾದುದರಿಂದ ಎಡ-ಬಲಗಳ ಗುರುತನ್ನೂ ನೋಡಬೇಕು. ಹೀಗೆ ಒಂದರ ಮೇಲೊಂದು ಪದ ಹಾಯುತ್ತದೆ.

ಮೋಡ ಇಲ್ಲವೆ ಮಂಜಿನೊಳಗೆ ದಿಗಂತ ಮರೆಯಾದಾಗ ನಮ್ಮ ಒಳಗಿವಿಯ ಸಮತೋಲನದ ಅಂಗವೇ ನಮಗೆ ಸುಳ್ಳು ಹೇಳುತ್ತದೆ. ನಿಧಾನವಾಗಿ ವಾಲುತ್ತಿರುವ ವಿಮಾನವು ನೆಟ್ಟಗಿದೆಯೆಂದೇ ಮನಸ್ಸಿಗೆ ತೋರುತ್ತದೆ. ಆಗ ಚಾಲಕನು ತನ್ನ ಮೈಯನ್ನು ನಂಬದೆ ಉಪಕರಣಗಳನ್ನು ನೋಡಬೇಕು. ಒಂದನ್ನೇ ನಂಬದೆ ಇನ್ನೊಂದರೊಡನೆ ಹೋಲಿಸಬೇಕು. ಜೊತೆಯ ಚಾಲಕನ ಮಾತೂ ಅಂಥದೇ ಒಂದು ಅಡ್ಡಪದ.

ಅದನ್ನು ಅಲಕ್ಷಿಸಿದರೆ ಏನಾಗುತ್ತದೆಂಬುದನ್ನು ಕರ್ನಾಟಕವು 2010ರ ಮೇ 22ರಂದು ಕಂಡಿತು. ದುಬೈನಿಂದ ಬಂದ ವಿಮಾನವೊಂದು ಮಂಗಳೂರಿನ ಬೆಟ್ಟದ ಮೇಲಿನ ಓಡುದಾರಿಯನ್ನು ದಾಟಿ ಕೆಳಗುರುಳಿ, 166 ಮಂದಿಯಲ್ಲಿ 158 ಮಂದಿ ಮಡಿದರು. ಇಳಿಯುವ ಹಾದಿ ಸರಿಯಿಲ್ಲವೆಂದು, ಮತ್ತೆ ಮೇಲೇರಬೇಕೆಂದು ಸಹಚಾಲಕನು ಮೂರು ಬಾರಿ ಹೇಳಿದ್ದನು. ಎಚ್ಚರಿಕೆಯ ಯಂತ್ರವೂ ಕೂಗಿತ್ತು. ಮುಖ್ಯ ಚಾಲಕನು ಇಳಿಯುವುದನ್ನು ಕೈಬಿಡದಿದ್ದುದೇ ನೇರ ಕಾರಣವೆಂದು ವಿಚಾರಣಾ ಮಂಡಲಿ ಹೇಳಿತು. ತನ್ನ ಮೊದಲ ಉತ್ತರವನ್ನು ಅಳಿಸಲು ಮನಸ್ಸು ಬಾರದಿರುವುದು ಮನುಷ್ಯಸಹಜವಾದ ದೌರ್ಬಲ್ಯ. ಪದಬಂಧದಲ್ಲಿ ಅದರ ಬೆಲೆ ಒಂದು ಕಾಗದ, ಆಕಾಶದಲ್ಲಿ ಹಾಗಲ್ಲ.

ಅಭ್ಯಾಸಕ್ಕೆ ಎರಡು ಸುಳಿವುಗಳನ್ನು ಕೊಡುತ್ತೇವೆ. ಎಡದಿಂದ ಬಲಕ್ಕೆ: ‘ಒಂಬತ್ತು ರಸಗಳಲ್ಲಿ ಒಂದು, ರಾತ್ರಿ ಕಥೆ ಓದಿ ದೀಪವಾರಿಸಲು ಅಂಜುವವರು ಇದನ್ನು ಬಲ್ಲರು (4)’. ಮೇಲಿನಿಂದ ಕೆಳಕ್ಕೆ: ‘ಕಣ್ಣಿಗೆ ಕಾಣದು, ಎತ್ತರದಲ್ಲಿ ಇದರ ಕೊರತೆ ಭೂತಕ್ಕಿಂತ ಕ್ರೂರ (5)’. ಮೊದಲನೆಯದರ 3ನೆಯ ಮನೆಯೂ ಎರಡನೆಯದರ 4ನೆಯ ಮನೆಯೂ ಒಂದೇ. ಉತ್ತರಗಳೆರಡೂ ಈ ಲೇಖನದಲ್ಲಿಯೇ ಇವೆ. ಬರೆಯುವಾಗ ಸೀಸದಕಡ್ಡಿಯನ್ನೇ ಹಿಡಿಯಿರಿ; ಪಕ್ಕದಲ್ಲಿ ಅಳಿಸುವ ರಬ್ಬರೂ ಇರಲಿ.